ಲಿಡ್‌ಸ್ಟ್ರಮ್ ಮಾಡಿದ್ದಾದರೂ ಏನು?

ನಾನು ಐಸ್ ಹಾಕಿ ನೋಡುತ್ತೇನೆ ಅಂತ ಗೊತ್ತಾದವರು ಮೊದಲು ಕೇಳುವುದು ನೆಚ್ಚಿನ ಆಟಗಾರ ಯಾರು ಅಂತ. ನಿಕ್ಲಾಸ್ ಲಿಡ್‌ಸ್ಟ್ರಮ್ ಅನ್ನುತ್ತೇನೆ. ಅವರು ಹೋಗಿ ಯೂಟ್ಯೂಬ್‌ನಲ್ಲಿ ಹುಡುಕುತ್ತಾರೆ, ವಾಪಸ್ ಬಂದು ಎರಡನೇ ಪ್ರಶ್ನೆ ಹಾಕುತ್ತಾರೆ. "ಅಲ್ರೀ, ಈ ಮನುಷ್ಯ ಮಾಡಿದ್ದಾದರೂ ಏನು? ಯಾರಿಗೂ ಗುದ್ದಲ್ಲ, ನಾಲ್ಕು ಜನರನ್ನು ತಪ್ಪಿಸಿಕೊಂಡು ಓಡಲ್ಲ. ಸುಮ್ನೆ ನಿಂತಿರ್ತಾರೆ." ಇಲ್ಲಿ ಮಿಷಿಗನ್‌ನ ಕನ್ನಡದ ಗೆಳೆಯರೂ ಇದನ್ನೇ ಕೇಳುತ್ತಾರೆ, ಊರಿಂದ ಫೋನ್ ಮಾಡುವ ಭಾವಮೈದುನನೂ ಇದನ್ನೇ ಕೇಳುತ್ತಾನೆ. ಈ ಸಲ ಬರೆದೇ ಬಿಡುತ್ತೇನೆ.

ಎದುರಾಳಿ ಏನು ಮಾಡಬೇಕು ಅಂದುಕೊಂಡು ಬಂದನೋ ಅದು ಆಗದ ಹಾಗೆ ನೋಡಿಕೊಂಡರು. ಡೆಟ್ರಾಯಿಟ್ ರೆಡ್ ವಿಂಗ್ಸ್ ಅನ್ನುವ ಒಂದೇ ತಂಡದಲ್ಲಿ, 20 ಸೀಸನ್. ಅಷ್ಟೇ ಉತ್ತರ. ಆಗದೇ ಹೋದದ್ದನ್ನು ಯಾರೂ ಕತ್ತರಿಸಿ ವಿಡಿಯೋ ಹಾಕುವುದಿಲ್ಲವಲ್ಲ, ಅದಕ್ಕೇ ನಿಮಗೆ ಕಾಣಿಸಲಿಲ್ಲ.

ಆಟ ಗೊತ್ತಿಲ್ಲದವರಿಗೆ ಸ್ವಲ್ಪ ಹೇಳುತ್ತೇನೆ. ಎನ್‌ಎಚ್‌ಎಲ್ (ಅಮೆರಿಕ-ಕೆನಡಾದ ದೊಡ್ಡ ಐಸ್ ಹಾಕಿ ಲೀಗ್) ಅಂಕಣ 200 ಅಡಿ ಉದ್ದ, 85 ಅಡಿ ಅಗಲ, ಸುತ್ತಲೂ ಗೋಡೆ. ಗೋಲಿನ ಹಿಂದೆಯೂ ಜಾಗ ಇರುತ್ತದೆ, ಅಲ್ಲೂ ಆಟ ನಡೆಯುತ್ತದೆ. ಒಂದು ಕಡೆಗೆ ಐದು ಜನ ಮತ್ತು ಒಬ್ಬ ಗೋಲಿ, ಅಂದರೆ ಗೋಲ್‌ಕೀಪರ್. ಆ ಐದರಲ್ಲಿ ಮೂವರು ದಾಳಿ ಮಾಡುವ ಫಾರ್ವರ್ಡ್, ಇಬ್ಬರು ಡಿಫೆನ್ಸ್. ಲಿಡ್‌ಸ್ಟ್ರಮ್ ಡಿಫೆನ್ಸ್. ಪಕ್ (ಚೆಂಡಿನ ಬದಲು ಇರುವ ರಬ್ಬರ್ ಬಿಲ್ಲೆ) ಇರುವವನನ್ನು ಭುಜದಿಂದ ಗುದ್ದುವುದಕ್ಕೆ ನಿಯಮದಲ್ಲೇ ಅವಕಾಶ ಇದೆ. ಈಗ ಯೋಚನೆ ಮಾಡಿ, ಒಬ್ಬ ಫಾರ್ವರ್ಡ್ ಗಂಟೆಗೆ 35 ಕಿಲೋಮೀಟರ್ ವೇಗದಲ್ಲಿ ಪಕ್ ಇಟ್ಟುಕೊಂಡು ನಿಮ್ಮ ಮೇಲೇ ಬರುತ್ತಿದ್ದಾನೆ, ನೀವು ಅವನ ಮುಖ ನೋಡುತ್ತಾ ಹಿಂದಕ್ಕೆ ಹಿಂದಕ್ಕೆ ಸ್ಕೇಟ್ ಮಾಡಬೇಕು, ಪಕ್ಕದಲ್ಲಿ ಅವನ ಗೆಳೆಯ ಪಾಸ್‌ಗೆ ಕಾಯುತ್ತಿದ್ದಾನೆ ಅನ್ನುವುದನ್ನೂ ಮರೆಯುವ ಹಾಗಿಲ್ಲ.

ಹೆಚ್ಚಿನವರು ಇಲ್ಲಿ ಗುದ್ದುತ್ತಾರೆ. ಸರಿಯಾಗಿ ಬಿದ್ದರೆ ಸ್ಟೇಡಿಯಂ ಎದ್ದು ನಿಲ್ಲುತ್ತದೆ, ತಪ್ಪಿದರೆ ಅವನು ನಿಮ್ಮನ್ನು ದಾಟಿ ಹೋಗಿರುತ್ತಾನೆ. ಲಿಡ್‌ಸ್ಟ್ರಮ್ ಆ ಜೂಜಿಗೇ ಹೋಗುತ್ತಿರಲಿಲ್ಲ. ಇಬ್ಬರ ನಡುವೆ ಒಂದು ಸ್ಟಿಕ್‌ನಷ್ಟು ಅಂತರ, ಹೆಚ್ಚೂ ಇಲ್ಲ ಕಡಿಮೆಯೂ ಇಲ್ಲ. ಸ್ಟಿಕ್‌ನ ಅಲಗು ಮಂಜಿನ ಮೇಲೆ, ಪಾಸ್ ಹೋಗಬೇಕಾದ ದಾರಿಯಲ್ಲಿ. ಮೈ ಅಂಕಣದ ಮಧ್ಯಕ್ಕೆ. ಬಂದವನಿಗೆ ಗೋಡೆಯ ಪಕ್ಕದ ದಾರಿ ಮಾತ್ರ ತೆರೆದಿರುತ್ತದೆ. ಅವನು ತಾನೇ ಆರಿಸಿಕೊಂಡೆ ಅನ್ನುವ ಹಾಗೆ ಆ ಕಡೆ ಹೋಗುತ್ತಾನೆ, ಮುಂದೆ ಜಾಗ ಮುಗಿದಿರುತ್ತದೆ. ಆಗ ಸ್ಟಿಕ್‌ನ ತುದಿಯಿಂದ ಪಕ್ಕನ್ನು ಒಂದು ತಟ್ಟು, ಮರುಕ್ಷಣವೇ ಸ್ವಂತ ಕಡೆಯವನಿಗೆ ಒಂದು ಪಾಸ್. ಮುಗಿಯಿತು. ನೋಡುವವರಿಗೆ ಆ ಫಾರ್ವರ್ಡೇ ಏನೋ ಎಡವಟ್ಟು ಮಾಡಿಕೊಂಡ ಅನ್ನಿಸುತ್ತದೆ.

ತಪ್ಪು ಮಾಡಿದರೆ ಸಾಮಾನ್ಯವಾಗಿ ಎರಡು ನಿಮಿಷ ಹೊರಗೆ ಕೂರಿಸುತ್ತಾರೆ. ಸೋತ ಡಿಫೆನ್ಸ್‌ಮನ್ ಕಾಲು ಅಡ್ಡ ಹಾಕುತ್ತಾನೆ, ಅಂಗಿ ಹಿಡಿದು ಎಳೆಯುತ್ತಾನೆ, ಅದು ಸಹಜ. ಲಿಡ್‌ಸ್ಟ್ರಮ್ ಆಡಿದ್ದು 1,564 ಪಂದ್ಯ, ಹೊರಗೆ ಕೂತದ್ದು ಒಟ್ಟು 514 ನಿಮಿಷ. ಅಂದರೆ ಆರು ಪಂದ್ಯಕ್ಕೆ ಒಂದು ಸಲ. ಅದೂ ಪ್ರತಿ ತಂಡದ ಅತಿ ಒಳ್ಳೆಯ ಫಾರ್ವರ್ಡ್‌ಗಳ ಎದುರೇ ಇಳಿದು, ಒಳ್ಳೆಯ ವರ್ಷಗಳಲ್ಲಿ 60 ನಿಮಿಷದ ಪಂದ್ಯದಲ್ಲಿ 28 ನಿಮಿಷದಷ್ಟು ಮಂಜಿನ ಮೇಲಿದ್ದು. ನನ್ನ ಪ್ರಕಾರ ಅವರ ದಾಖಲೆಗಳಲ್ಲೆಲ್ಲ ದೊಡ್ಡದು ಇದೇ.

ಶುರುವಿನ ಕಥೆ ಚಿಕ್ಕದು. ಸ್ವೀಡನ್‌ನ ಹುಡುಗ, ವೆಸ್ಟೆರೋಸ್ ಊರಿನ ತಂಡದಲ್ಲಿ ಆಡುತ್ತಿದ್ದರು. 1989ರ ಡ್ರಾಫ್ಟ್‌ನಲ್ಲಿ (ತಂಡಗಳು ಸರದಿಯ ಮೇಲೆ ಹೊಸ ಆಟಗಾರರನ್ನು ಆರಿಸಿಕೊಳ್ಳುವುದು) ಡೆಟ್ರಾಯಿಟ್ ಅವರನ್ನು 53ನೆಯವರಾಗಿ ಆರಿಸಿತು. (ಅದೇ ಡ್ರಾಫ್ಟ್‌ನಲ್ಲಿ ಡೆಟ್ರಾಯಿಟ್‌ಗೇ ಸಿಕ್ಕ ಸೆರ್ಗೈ ಫೆಡರೋವ್ 74ನೇ, ವ್ಲಾದಿಮಿರ್ ಕಾನ್‌ಸ್ಟಾಂಟಿನೋವ್ 221ನೇ ಆಯ್ಕೆ. ಹೊಟ್ಟೆ ಉರಿದುಕೊಂಡ ತಂಡಗಳು ಎಷ್ಟೋ.) 1991ರಲ್ಲಿ ಅಮೆರಿಕಕ್ಕೆ ಬಂದರು, ಬಂದ ವರ್ಷವೇ ಹೊಸಬರ ಪ್ರಶಸ್ತಿಯಲ್ಲಿ ಪಾವೆಲ್ ಬುರೆ ನಂತರ ಎರಡನೇ ಸ್ಥಾನ.

ಆದರೆ ಡೆಟ್ರಾಯಿಟ್ ಊರು ಅವರನ್ನು ಸರಿಯಾಗಿ ನೋಡಿದ್ದು 1997ರ ಸ್ಟಾನ್ಲಿ ಕಪ್ ಫೈನಲ್‌ನಲ್ಲಿ. ಅದು ಎನ್‌ಎಚ್‌ಎಲ್‌ನ ಕಪ್, ಫೈನಲ್‌ನಲ್ಲಿ ಮೊದಲು ನಾಲ್ಕು ಪಂದ್ಯ ಗೆದ್ದವರಿಗೆ ಸಿಗುತ್ತದೆ. ಡೆಟ್ರಾಯಿಟ್ ಕಪ್ ಗೆದ್ದು 42 ವರ್ಷ ಆಗಿತ್ತು. ಎದುರು ಫಿಲಡೆಲ್ಫಿಯಾ, ಅದರ ನಾಯಕ ಎರಿಕ್ ಲಿಂಡ್ರೋಸ್. ಆರಡಿ ನಾಲ್ಕಿಂಚು ಎತ್ತರ, ನೂರು ಕಿಲೋ ದಾಟಿದ ಮೈ, ಅದರ ಮೇಲೆ ಚೆನ್ನಾಗಿ ಆಡಲಿಕ್ಕೂ ಬರುತ್ತಿತ್ತು. ಪಕ್ಕದಲ್ಲಿ ಜಾನ್ ಲೆಕ್ಲೇರ್, ಅವರೂ ಕಡಿಮೆ ಏನಲ್ಲ. ಇವರಿಗೆ ಎದುರಾಗಿ ಕೋಚ್ ಸ್ಕಾಟಿ ಬೌಮನ್ ಕಾನ್‌ಸ್ಟಾಂಟಿನೋವ್‌ರನ್ನು ಇಳಿಸುತ್ತಾರೆ ಅಂತಲೇ ಎಲ್ಲರೂ ಅಂದುಕೊಂಡಿದ್ದರು, ಏಕೆಂದರೆ ಆ ತಂಡದಲ್ಲಿ ಗುದ್ದಾಟಕ್ಕೆ ಹೆಸರಾದವರು ಅವರು. ಬೌಮನ್ ಇಳಿಸಿದ್ದು ಲಿಡ್‌ಸ್ಟ್ರಮ್ ಮತ್ತು ಲ್ಯಾರಿ ಮರ್ಫಿಯನ್ನು, ಇಬ್ಬರೂ ಗುದ್ದುವವರಲ್ಲ. ಲಿಂಡ್ರೋಸ್‌ಗೆ ಡಿಕ್ಕಿ ಹೊಡೆಯಲು ಯಾರೂ ಸಿಗಲಿಲ್ಲ, ಪಕ್ಕೂ ಸಿಗಲಿಲ್ಲ! ನಾಲ್ಕಕ್ಕೆ ನಾಲ್ಕೂ ಪಂದ್ಯ ಡೆಟ್ರಾಯಿಟ್ ಗೆದ್ದಿತು. ಲಿಂಡ್ರೋಸ್ ಹೊಡೆದದ್ದು ಒಂದೇ ಗೋಲು, ಅದೂ ನಾಲ್ಕನೇ ಪಂದ್ಯದ ಕೊನೆಯ ಸೆಕೆಂಡುಗಳಲ್ಲಿ. ಲಿಡ್‌ಸ್ಟ್ರಮ್ ಆಟ ಅರ್ಥ ಆಗಬೇಕಾದರೆ ಈ ಸರಣಿಯ ಯಾವುದಾದರೂ ಪೂರ್ತಿ ಪಂದ್ಯ ನೋಡಿ, ಪಕ್ ಬಿಟ್ಟು 5 ನಂಬರಿನ ಅಂಗಿಯನ್ನೇ ನೋಡಿ. ಮೊದಮೊದಲು ಬೋರ್ ಆಗುತ್ತದೆ, ಆಗಲಿ ಬಿಡಿ.

ಇಷ್ಟು ಹೇಳಿದರೆ ಬೆಂಗಳೂರಿನವರು "ಓ, ನಮ್ಮ ದ್ರಾವಿಡ್ ಥರ" ಅಂತಾರೆ. ಅರ್ಧ ಒಪ್ಪುತ್ತೇನೆ. ಆದರೆ ಲಿಡ್‌ಸ್ಟ್ರಮ್ ಬರೀ ತಡೆಯುವವರಲ್ಲ, 264 ಗೋಲು ಹೊಡೆದು 878 ಗೋಲಿಗೆ ನೆರವಾದವರು. ಎದುರಾಳಿಯ ಒಬ್ಬ ಆಟಗಾರ ಹೊರಗೆ ಕೂತಾಗ ದಾಳಿಯನ್ನು ಹಿಂದೆ ನಿಂತು ನಡೆಸುತ್ತಿದ್ದದ್ದು ಇವರೇ. ಡೆಟ್ರಾಯಿಟ್‌ನ ಹಳೆಯ ಜೋ ಲೂಯಿಸ್ ಅರೇನಾದ ಗೋಡೆ ಪಕ್ಕನ್ನು ಪುಟಿಸುವುದಕ್ಕೆ ಹೆಸರುವಾಸಿಯಾಗಿತ್ತು. ಲಿಡ್‌ಸ್ಟ್ರಮ್ ಬೇಕೆಂದೇ ಗೋಲಿನ ಪಕ್ಕಕ್ಕೆ ಹೊಡೆಯುತ್ತಿದ್ದರು, ಪಕ್ ಹಿಂದಿನ ಗೋಡೆಗೆ ಬಡಿದು ಗೋಲಿನ ಮುಂದೆ ಕಾದಿರುವ ತಮ್ಮ ತಂಡದ ಟೋಮಸ್ ಹೋಲ್ಮ್‌ಸ್ಟ್ರಮ್ ಹತ್ತಿರ ಬಂದು ಬೀಳುತ್ತಿತ್ತು. ಗೋಲಿ ಇನ್ನೂ ಈ ಕಡೆ ತಿರುಗುತ್ತಿರುವಷ್ಟರಲ್ಲಿ ಗೋಲು.

2002ರ ಪ್ಲೇಆಫ್‌ನ (ಸೀಸನ್ ಮುಗಿದ ಮೇಲೆ ಕಪ್‌ಗಾಗಿ ನಡೆಯುವ ಸುತ್ತುಗಳು) ಮೊದಲ ಸುತ್ತಿನಲ್ಲಿ ವ್ಯಾಂಕೂವರ್ ಎದುರು ತಂಡ ಎರಡು ಪಂದ್ಯ ಸೋತು ಕೂತಿತ್ತು. ಮೂರನೆಯದರಲ್ಲಿ ಸಮ, 1-1. ಲಿಡ್‌ಸ್ಟ್ರಮ್ ಅಂಕಣದ ನಡುಗೆರೆಯ ಹತ್ತಿರದಿಂದ ಒಂದು ಹೊಡೆದರು, ಗೋಲಿ ಡ್ಯಾನ್ ಕ್ಲೂಟಿಯೇ ಕೈಯಿಂದ ಅದು ಜಾರಿ ಒಳಗೆ ಹೋಯಿತು. ಅಲ್ಲಿಂದ ಸತತ ನಾಲ್ಕು ಪಂದ್ಯ ಗೆದ್ದು, ಕೊನೆಗೆ ಕಪ್ಪನ್ನೂ ಗೆದ್ದರು. ಪ್ಲೇಆಫ್‌ನ ಅತ್ಯುತ್ತಮ ಆಟಗಾರನ ಪ್ರಶಸ್ತಿ ಲಿಡ್‌ಸ್ಟ್ರಮ್‌ಗೆ, ಯುರೋಪಿನವರೊಬ್ಬರಿಗೆ ಅದು ಸಿಕ್ಕಿದ್ದು ಅದೇ ಮೊದಲು. 2006ರ ಟೂರಿನ್ ಒಲಿಂಪಿಕ್ಸ್ ಫೈನಲ್‌ನಲ್ಲಿ ಫಿನ್‌ಲ್ಯಾಂಡ್ ಎದುರು ಮೂರನೇ ಅವಧಿ ಶುರುವಾಗಿ 10 ಸೆಕೆಂಡಿಗೆ ಇವರು ಹೊಡೆದದ್ದೇ ಸ್ವೀಡನ್‌ಗೆ ಚಿನ್ನ ತಂದ ಗೋಲು.

ಪ್ರಶಸ್ತಿಗಳ ವಿಷಯಕ್ಕೆ ಬಂದರೆ, ಅತ್ಯುತ್ತಮ ಡಿಫೆನ್ಸ್‌ಮನ್‌ಗೆ ಕೊಡುವ ನಾರಿಸ್ ಟ್ರೋಫಿ ಏಳು ಸಲ. ಮೊದಲನೆಯದು ಬಂದದ್ದು 2001ರಲ್ಲಿ, ಅದಕ್ಕೆ ಮುಂಚಿನ ಮೂರು ವರ್ಷವೂ ಎರಡನೇ ಸ್ಥಾನ. ಏಳನೆಯದು 2011ರಲ್ಲಿ, 41ನೇ ವಯಸ್ಸಿನಲ್ಲಿ. ಅಭಿಮಾನಿಯಾಗಿ ಹೇಳಬಾರದು, ಆದರೂ ಆ ಏಳನೆಯದು ಸ್ವಲ್ಪ ಮರ್ಯಾದೆಗೆ ಕೊಟ್ಟದ್ದು ಅಂತಲೇ ನನಗನ್ನಿಸುತ್ತದೆ. ಅವರ ಪ್ಲಸ್-ಮೈನಸ್ ಲೆಕ್ಕ (ತಾವು ಮಂಜಿನ ಮೇಲಿದ್ದಾಗ ತಂಡ ಹೊಡೆದ ಗೋಲಿಗೂ ಬಿಟ್ಟುಕೊಟ್ಟ ಗೋಲಿಗೂ ಇರುವ ವ್ಯತ್ಯಾಸ) ಸೊನ್ನೆಗಿಂತ ಕೆಳಗೆ ಇಳಿದದ್ದು ಇಡೀ ವೃತ್ತಿಯಲ್ಲಿ ಆ ಒಂದೇ ವರ್ಷ. ನನ್ನ ಓಟು ನ್ಯಾಶ್‌ವಿಲ್ ತಂಡದ ಶಿಯಾ ವೆಬರ್‌ಗೆ.

"ಹಾಗಾದ್ರೆ ಬಾಬಿ ಆರ್‌ಗಿಂತ ದೊಡ್ಡವರಾ?" ಅಲ್ಲ. ಆರ್ ಎಂಟು ನಾರಿಸ್ ಗೆದ್ದವರು, ಡಿಫೆನ್ಸ್ ಆಡುವ ರೀತಿಯನ್ನೇ ಬದಲಾಯಿಸಿದವರು. ಆದರೆ ಮಂಡಿ ಕೈಕೊಟ್ಟು 657 ಪಂದ್ಯಕ್ಕೆ ಮುಗಿಯಿತು. ಒಂದು ಸಂಜೆಯ ಆಟ ನೋಡಬೇಕು ಅಂದರೆ ಆರ್, ಇಪ್ಪತ್ತು ವರ್ಷಕ್ಕೆ ತಂಡ ಕಟ್ಟಬೇಕು ಅಂದರೆ ನಾನು ಲಿಡ್‌ಸ್ಟ್ರಮ್‌ರನ್ನೇ ಕರೆಯುತ್ತೇನೆ.

2006ರಲ್ಲಿ ಸ್ಟೀವ್ ಐಜರ್‌ಮನ್ ನಿವೃತ್ತಿ ಆದ ಮೇಲೆ ನಾಯಕತ್ವ ಇವರಿಗೆ ಬಂತು, 2008ರಲ್ಲಿ ನಾಲ್ಕನೇ ಕಪ್. ಮರುವರ್ಷ ಪಿಟ್ಸ್‌ಬರ್ಗ್ ಎದುರು ಫೈನಲ್‌ನ ಏಳನೇ ಪಂದ್ಯ, 1-2 ಹಿಂದೆ, ಕೊನೆಯ ಸೆಕೆಂಡುಗಳು. ಪಕ್ ಲಿಡ್‌ಸ್ಟ್ರಮ್ ಹತ್ತಿರ ಬಂತು, ಹೊಡೆದರು, ಪಿಟ್ಸ್‌ಬರ್ಗ್‌ನ ಗೋಲಿ ಮಾರ್ಕ್ ಆಂಡ್ರೆ ಫ್ಲೂರಿ ಹಾರಿ ಬಿದ್ದು ತಡೆದರು. ಆ ಕ್ಲಿಪ್ ಮಾತ್ರ ಎಲ್ಲರಿಗೂ ಸಿಗುತ್ತದೆ, ನನ್ನ ಕರ್ಮ.

2012ರ ಮೇ 31ಕ್ಕೆ ನಿವೃತ್ತಿ ಹೇಳಿದರು. ಆಗ 42 ವರ್ಷ. ಆಡಿದ 20 ಸೀಸನ್‌ನಲ್ಲಿ ತಂಡ ಒಮ್ಮೆಯೂ ಪ್ಲೇಆಫ್ ತಪ್ಪಿಸಿಕೊಂಡಿರಲಿಲ್ಲ. ಮೊದಲಿನ ಹಾಗೆ ಶಕ್ತಿ ವಾಪಸ್ ಬರುತ್ತಿಲ್ಲ ಅಂತ ಹೇಳಿ, ಕುಟುಂಬದ ಜೊತೆ ಸ್ವೀಡನ್‌ಗೆ ಹೋದರು. 2014ರಲ್ಲಿ 5ನೇ ನಂಬರನ್ನು ಇನ್ಯಾರಿಗೂ ಕೊಡದ ಹಾಗೆ ಮೇಲೆ ತೂಗುಹಾಕಿದರು, 2015ರಲ್ಲಿ ಹಾಲ್ ಆಫ್ ಫೇಮ್. 2022ರಲ್ಲಿ ರೆಡ್ ವಿಂಗ್ಸ್ ಆಡಳಿತಕ್ಕೆ ಉಪಾಧ್ಯಕ್ಷರಾಗಿ ಬಂದರು. ಆಗ ಮ್ಯಾನೇಜರ್ ಅದೇ ಹಳೆಯ ಐಜರ್‌ಮನ್. ತಂಡವೋ, 2016ರ ನಂತರ ವರ್ಷಗಟ್ಟಲೆ ಪ್ಲೇಆಫ್‌ನ ಮುಖವನ್ನೇ ನೋಡಲಿಲ್ಲ. ಇಬ್ಬರೂ ದೊಡ್ಡ ಆಟಗಾರರು ಸೇರಿಕೊಂಡರೂ ಯಾಕೆ ಹೀಗೆ ಅಂತ ಈಚೆಗೆ ಮೂರನೇ ಪ್ರಶ್ನೆಯೊಂದು ಶುರುವಾಗಿದೆ. ಅದನ್ನು ಮಾತ್ರ ನನ್ನ ಹತ್ತಿರ ಕೇಳಬೇಡಿ.