ಪ್ರೀಮಿಯರ್ ಲೀಗ್ ಬಿಟ್ಟು ಸ್ಲೊವಾಕಿಯಾದ ಸೆಕೆಂಡ್ ಡಿವಿಷನ್ ಯಾಕೆ ನೋಡ್ತೀರಾ?

ಫುಟ್‌ಬಾಲ್ ಮಾತು ಬಂದಾಗಲೆಲ್ಲ ಈ ಪ್ರಶ್ನೆ ನನ್ನ ಕಡೆ ಬಂದೇ ಬರುತ್ತದೆ. ಕೇಳುವವರ ದನಿಯಲ್ಲಿ ಸ್ವಲ್ಪ ಕನಿಕರವೂ ಇರುತ್ತದೆ. "ಅಲ್ಲಾ ಮಾರಾಯ್ರೇ, ಇಂಗ್ಲೆಂಡ್ ಇದೆ, ಸ್ಪೇನ್ ಇದೆ. ಹೋಗ್ಲಿ, ನಮ್ಮ ಬೆಂಗಳೂರು ಎಫ್‌ಸಿ ಇದೆ. ಈ ಸ್ಲೊವಾಕಿಯಾ ಯಾಕೆ? ಅದೂ ಸೆಕೆಂಡ್ ಡಿವಿಷನ್?"

ಒಂದೇ ಮಾತಲ್ಲಿ ಹೇಳಬೇಕು ಅಂದ್ರೆ, ಅಲ್ಲಿ ಪಾಯಿಂಟ್ಸ್ ಟೇಬಲ್ ಹೇಳೋದು ಅರ್ಧ ಕಥೆ ಮಾತ್ರ. ಉಳಿದರ್ಧ ಇರುವುದು ಕಾರ್ಖಾನೆಯಲ್ಲಿ, ಲೈಸೆನ್ಸ್ ಕಾಗದದಲ್ಲಿ, ಆಟಗಾರರ ಬಾಕಿ ಸಂಬಳದಲ್ಲಿ. ಅದು ಹೇಗೆ ಅಂತ ತೋರಿಸೋಕೆ 2021–22ರ ಸೀಸನ್ ಒಂದೇ ಸಾಕು.

ಮೊದಲು ಲೆಕ್ಕ ತಿಳಿದುಕೊಳ್ಳಿ. ಸ್ಲೊವಾಕಿಯಾದ ಜನಸಂಖ್ಯೆ ಸುಮಾರು 54 ಲಕ್ಷ. ಬೆಂಗಳೂರಿನ ಅರ್ಧಕ್ಕಿಂತ ಕಡಿಮೆ. 1993ರ ಜನವರಿ 1ರಂದು ಚೆಕೊಸ್ಲೊವಾಕಿಯಾ ಒಡೆದು ಎರಡಾದಾಗ ಲೀಗ್ ಕೂಡ ಬೇರೆಯಾಯಿತು. ಮೇಲಿನ ಲೀಗಿನಲ್ಲಿ 12 ಟೀಮ್. ಅದರ ಕೆಳಗೆ ಈ ಎರಡನೇ ಲೀಗ್. ಇಲ್ಲಿ ಮೊದಲು ಬಂದವರು ನೇರವಾಗಿ ಮೇಲೆ ಹೋಗುತ್ತಾರೆ. ಎರಡನೆಯವರು ಮೇಲಿನ ಲೀಗಿನ 11ನೇ ಟೀಮಿನ ಜೊತೆ ಪ್ಲೇಆಫ್, ಅಂದರೆ ಮೇಲಿನ ಜಾಗಕ್ಕಾಗಿ ನಿರ್ಣಾಯಕ ಪಂದ್ಯಗಳನ್ನು, ಆಡುತ್ತಾರೆ. ಜಿಲಿನಾ, ಸ್ಲೊವಾನ್ ತರಹದ ದೊಡ್ಡ ಕ್ಲಬ್‌ಗಳ ಎರಡನೇ ಟೀಮ್‌ಗಳೂ ಇಲ್ಲಿ ಆಡಿವೆ. ಆದರೆ ಅವು ಎಷ್ಟೇ ಗೆದ್ದರೂ ಮೇಲೆ ಹೋಗುವ ಹಾಗಿಲ್ಲ. ಅಣ್ಣ ಇರುವ ಲೀಗಿನಲ್ಲಿ ತಮ್ಮನಿಗೆ ಜಾಗ ಇಲ್ಲ.

ನಿಯಮದ ಪ್ರಕಾರ ಒಂದು ಟೀಮ್ ಮೇಲೆ ಹೋಗಬೇಕು, ಜಾಸ್ತಿ ಅಂದ್ರೆ ಎರಡು. 2022ರ ಬೇಸಿಗೆಯಲ್ಲಿ ಹೋದದ್ದು ಮೂರು: ಪೊಡ್‌ಬ್ರೆಜೊವಾ, ಸ್ಕಾಲಿತ್ಸಾ ಮತ್ತು ಡುಕ್ಲಾ ಬಾನ್ಸ್ಕಾ ಬಿಸ್ಟ್ರಿತ್ಸಾ. ಮೇಲಿನಿಂದ ಮಾಯವಾದದ್ದೂ ಮೂರು: ಪೊಹ್ರೋನಿಯೆ, ಸೆರೆಡ್, ಸೆನಿತ್ಸಾ. ಇವುಗಳಲ್ಲಿ ಪೊಹ್ರೋನಿಯೆ ಸೋತು ಇಳಿಯಿತು. ಅದು ಎಲ್ಲ ಕಡೆ ಆಗುವಂಥದ್ದು, ಬಿಡಿ. ಉಳಿದ ಎರಡರ ವಿಷಯ ಆಮೇಲೆ ಹೇಳುತ್ತೇನೆ.

ಮೊದಲು ಗೆದ್ದವರ ಕಥೆ. ಆ ವರ್ಷ ಎರಡನೇ ಲೀಗಿನ ಚಾಂಪಿಯನ್ ಪೊಡ್‌ಬ್ರೆಜೊವಾ. ಇದು ನಗರ ಅಲ್ಲ, ಹಳ್ಳಿ. ಹ್ರೊನ್ ನದಿಯ ಕಣಿವೆಯಲ್ಲಿದೆ, ಸುತ್ತ ಬೆಟ್ಟ, ಕಾಡು. ಊರಿನ ಜನ 4,000ಕ್ಕಿಂತ ಕಡಿಮೆ. ಸ್ಟೇಡಿಯಂನಲ್ಲಿ ಹಿಡಿಸುವವರು 4,061. ಇಡೀ ಊರು, ತೊಟ್ಟಿಲ ಮಗುವಿನ ಸಮೇತ, ಮ್ಯಾಚಿಗೆ ಬಂದು ಕೂತರೂ ಒಂದಷ್ಟು ಸೀಟು ಖಾಲಿಯೇ ಉಳಿಯುತ್ತವೆ! ಇಂಥ ಊರಿಗೆ ಮೇಲಿನ ಲೀಗಿನ ಟೀಮ್ ಹೇಗೆ ಬಂತು? ಉತ್ತರ ಕ್ಲಬ್ಬಿನ ಹೆಸರಲ್ಲೇ ಇದೆ. ಪೂರ್ತಿ ಹೆಸರು ಜೆಲೆಜಿಯಾರ್ನೆ ಪೊಡ್‌ಬ್ರೆಜೊವಾ, ಅಂದರೆ ಪೊಡ್‌ಬ್ರೆಜೊವಾ ಉಕ್ಕಿನ ಕಾರ್ಖಾನೆ. 1840ರಲ್ಲಿ ಶುರುವಾದ ಈ ಕಾರ್ಖಾನೆ ಇವತ್ತಿಗೂ ಉಕ್ಕಿನ ಕೊಳವೆ ಮಾಡುತ್ತದೆ. ಟೀಮನ್ನು ಸಾಕುವುದೂ ಅದೇ. ನಮ್ಮ ಬೆಂಗಳೂರಿನ ಐಟಿಐ, ಎಚ್‌ಎಎಲ್ ಟೀಮ್‌ಗಳನ್ನು ನೋಡಿ ಬೆಳೆದವರಿಗೆ ಇದನ್ನು ಬಿಡಿಸಿ ಹೇಳಬೇಕಾಗಿಲ್ಲ. ಕಾರ್ಖಾನೆ ನಡೆಯುವ ತನಕ ಟೀಮ್ ನಡೆಯುತ್ತದೆ.

ಪೊಡ್‌ಬ್ರೆಜೊವಾ ಮೊದಲ ಸಲ ಮೇಲೆ ಹೋದದ್ದು 2014ರಲ್ಲಿ. 2019ರಲ್ಲಿ ಇಳಿಯಿತು. ಮೂರು ವರ್ಷ ಕೆಳಗಿದ್ದು ವಾಪಸ್ ಬಂತು. ಈ ಮೂರು ವರ್ಷದಲ್ಲಿ ಒಂದು ಕೋವಿಡ್ ಪಾಲಾಯಿತು. 2019–20ರ ಸೀಸನ್ ಅರ್ಧಕ್ಕೇ ನಿಂತು, ಆ ವರ್ಷ ಕೆಳಗಿನಿಂದ ಯಾರೂ ಮೇಲೆ ಹೋಗಲಿಲ್ಲ. ಮುಂದಿನ ವರ್ಷ ಮೇಲಿನ ಲೀಗಿನಲ್ಲಿ ಅದೇ 12 ಟೀಮ್. ಮುಂಚೂಣಿಯಲ್ಲಿದ್ದ ಕ್ಲಬ್‌ಗಳಿಗೆ ಎಷ್ಟು ಉರಿದಿರಬೇಕು, ಅಲ್ವಾ?

ಒಂದು ಅಡ್ಡಮಾತು. ಪೊಡ್‌ಬ್ರೆಜೊವಾಗೆ ಹತ್ತಿರದಲ್ಲೇ ಚಿಯೆರ್ನಿ ಬಾಲೊಗ್ ಅಂತ ಇನ್ನೊಂದು ಹಳ್ಳಿ ಇದೆ. ಅಲ್ಲಿನ ಫುಟ್‌ಬಾಲ್ ಮೈದಾನಕ್ಕೂ ಪ್ರೇಕ್ಷಕರ ಗ್ಯಾಲರಿಗೂ ನಡುವೆ ಪುಟ್ಟ ರೈಲು ಹಳಿ ಹಾದುಹೋಗುತ್ತದೆ. ಹಿಂದೆ ಕಾಡಿನಿಂದ ಮರ ಸಾಗಿಸಲು ಹಾಕಿದ ಹಳಿ. ಈಗ ಅದರ ಮೇಲೆ ಪ್ರವಾಸಿಗರ ಉಗಿಬಂಡಿ ಓಡುತ್ತದೆ. ಮ್ಯಾಚ್ ನಡೆಯುತ್ತಿರುವಾಗಲೇ ಹೊಗೆ ಬಿಡುತ್ತಾ ರೈಲು ಬರುತ್ತದೆ. ಆಟ ನಿಲ್ಲುವುದಿಲ್ಲ. ನೋಡುವವರಿಗೆ ಮಾತ್ರ ಒಂದಷ್ಟು ಹೊತ್ತು ಬಾಲ್ ಬದಲು ಬೋಗಿ ಕಾಣುತ್ತದೆ. ಆ ವಿಡಿಯೊ ನಿಮ್ಮ ವಾಟ್ಸಾಪಿಗೂ ಎಂದೋ ಬಂದಿರಬಹುದು. ಆ ಟೀಮ್ ಎರಡನೇ ಲೀಗಿಗಿಂತ ಬಹಳ ಕೆಳಗಿನದು, ಈ ಲೇಖನಕ್ಕೆ ಸಂಬಂಧವೂ ಇಲ್ಲ. ಸುಮ್ನೆ ಹೇಳಿದೆ.

ಈಗ ಸೆನಿತ್ಸಾ. ಈ ಕಥೆಗಾಗಿಯೇ ನಾನು 2021–22ನ್ನು ಆರಿಸಿಕೊಂಡಿದ್ದು.

ಇದು ಶುರುವಾಗುವುದು ಬೇರೆ ಕ್ಲಬ್ಬಿನಿಂದ. ರಾಜಧಾನಿಯಲ್ಲಿ ಇಂಟರ್ ಬ್ರಾಟಿಸ್ಲಾವಾ ಅಂತ ಒಂದು ಟೀಮ್ ಇತ್ತು. ಹಿಂದೆ ಇದರ ಬೆನ್ನಿಗೆ ಸ್ಲೊವ್‌ನಾಫ್ಟ್ ಅನ್ನುವ ಎಣ್ಣೆ ಸಂಸ್ಕರಣಾ ಕಂಪನಿ ಇತ್ತು. 2000 ಮತ್ತು 2001ರಲ್ಲಿ ಇಂಟರ್ ಸತತ ಎರಡು ಬಾರಿ ದೇಶದ ಚಾಂಪಿಯನ್ ಆಯಿತು. ಆಮೇಲೆ ದುಡ್ಡು ಹೋಯಿತು, ಟೀಮ್ ಕೆಳಗಿಳಿಯಿತು. 2008–09ರಲ್ಲಿ ಹೇಗೋ ಎರಡನೇ ಲೀಗ್ ಗೆದ್ದಿತು. ಮೇಲೆ ಹೋಗುವ ಹಕ್ಕು ಕೈಗೆ ಬಂತು. ಆದರೆ ಮೇಲೆ ಆಡೋಕೆ ಕೈಯಲ್ಲಿ ಕಾಸಿಲ್ಲ. ಏನು ಮಾಡಿದರು ಗೊತ್ತಾ? ಆ ಜಾಗವನ್ನು ಮಾರಿಬಿಟ್ಟರು. ಕೊಂಡದ್ದು ಸೆನಿತ್ಸಾ, ಪಶ್ಚಿಮದ ಚೆಕ್ ಗಡಿ ಕಡೆಯ ಸಣ್ಣ ಪಟ್ಟಣದ ಟೀಮ್. ವರ್ಷವಿಡೀ ಆಡಿ ಗೆದ್ದವರು ಇಂಟರ್, ಮೇಲೆ ಹೋದವರು ಸೆನಿತ್ಸಾ! ಬೇರೆಯವರು ಗೆದ್ದ ಸೀಟಿನಲ್ಲಿ ಕೂತ ಸೆನಿತ್ಸಾ 13 ವರ್ಷ ಅಲ್ಲೇ ಉಳಿಯಿತು. ಸುಮ್ಮನೆ ಕೂರಲಿಲ್ಲ, 2012 ಮತ್ತು 2015ರಲ್ಲಿ ಸ್ಲೊವಾಕ್ ಕಪ್ ಫೈನಲ್ ಕೂಡ ಆಡಿತು.

2022ರ ಹೊತ್ತಿಗೆ ಸೆನಿತ್ಸಾದ ಖಜಾನೆಯೂ ಬರಿದಾಗಿತ್ತು. ಆಟಗಾರರ ಸಂಬಳ ಬಾಕಿ. ಸೀಸನ್ ಮುಗಿಯುವ ಮೊದಲೇ ಟೀಮ್ ಚದುರತೊಡಗಿತು. ಇಲ್ಲಿ ಬರುತ್ತದೆ ಲೈಸೆನ್ಸ್ ವಿಚಾರ. ಯೂರೋಪಿನ ಕ್ಲಬ್‌ಗಳು ಪ್ರತಿ ವಸಂತದಲ್ಲಿ ಮುಂದಿನ ಸೀಸನ್‌ಗೆ ಲೈಸೆನ್ಸ್ ಪಡೆಯಬೇಕು. ಆಟಗಾರರಿಗೆ ಬಾಕಿ ಇಲ್ಲ, ಬೇರೆ ಕ್ಲಬ್‌ಗಳಿಗೆ ಸಾಲ ಇಲ್ಲ, ಮೈದಾನ ಸರಿ ಇದೆ, ಹುಡುಗರ ಟೀಮ್‌ಗಳಿವೆ ಅಂತ ಲೆಕ್ಕಪತ್ರ ಸಮೇತ ತೋರಿಸಬೇಕು. ತೋರಿಸಲಾಗದಿದ್ದರೆ ನೀವು ಟೇಬಲ್‌ನಲ್ಲಿ ಎಷ್ಟನೆಯವರಾಗಿದ್ದರೂ ಅಷ್ಟೇ. ಸೆನಿತ್ಸಾದ 13 ವರ್ಷ ಅಲ್ಲಿಗೆ ಮುಗಿಯಿತು. 2018ರಲ್ಲಿ ಎರಡನೇ ಲೀಗ್ ಗೆದ್ದು ಮೇಲೆ ಬಂದಿದ್ದ ಸೆರೆಡ್ ಕೂಡ ಅದೇ ಬೇಸಿಗೆಯಲ್ಲಿ ಮೇಲಿನ ಜಾಗ ಕಳೆದುಕೊಂಡಿತು, ನಾಲ್ಕೇ ವರ್ಷಕ್ಕೆ.

ಆಗ ಮೇಲೆ ಬಂದ ಸ್ಕಾಲಿತ್ಸಾ ಯಾರು? ಸೆನಿತ್ಸಾದ ನೆರೆಯೂರು! ಎರಡೂ ಜಾಹೊರಿಯೆ ಅನ್ನುವ ಒಂದೇ ಸೀಮೆಗೆ ಸೇರಿದವು. ಕೆಂಪು ವೈನ್‌ಗೂ, ಕೋಲಿಗೆ ಸುತ್ತಿ ಕೆಂಡದ ಮೇಲೆ ಸುಡುವ ತ್ರ್ದೆಲ್ನಿಕ್ ಅನ್ನುವ ಸಿಹಿ ತಿಂಡಿಗೂ ಸ್ಕಾಲಿತ್ಸಾ ಹೆಸರುವಾಸಿ. ಫುಟ್‌ಬಾಲ್‌ಗೆ ಅಷ್ಟೇನೂ ಅಲ್ಲ. 2015–16ರಲ್ಲಿ ಒಂದೇ ಒಂದು ವರ್ಷ ಮೇಲೆ ಆಡಿ ಇಳಿದಿತ್ತು. ಆರು ವರ್ಷದ ಮೇಲೆ ಪಕ್ಕದ ಊರಿನ ದೀಪ ಆರಿದ ಬೇಸಿಗೆಯಲ್ಲೇ ಇವರ ಮನೆಯಲ್ಲಿ ದೀಪ ಹತ್ತಿತು. ಕಥೆಗಾರರು ಹೀಗೆ ಬರೆದಿದ್ದರೆ "ಏನ್ ಸ್ವಾಮಿ, ತೀರಾ ಹೊಂದಿಸಿಬಿಟ್ರಿ" ಅನ್ನುತ್ತಿದ್ದೆವು.

ಮೂರನೆಯದು ಡುಕ್ಲಾ. ಬಾನ್ಸ್ಕಾ ಬಿಸ್ಟ್ರಿತ್ಸಾ ದೊಡ್ಡ ಊರು, ಪೊಡ್‌ಬ್ರೆಜೊವಾ ಇರುವ ಅದೇ ಹ್ರೊನ್ ನದಿಯ ದಂಡೆಯಲ್ಲಿದೆ. ಇಟಲಿಯ ನಾಪೊಲಿ ಕ್ಲಬ್‌ನಲ್ಲಿ ಹೆಸರು ಮಾಡಿದ ಆಟಗಾರ ಮಾರೆಕ್ ಹಮ್ಶಿಕ್ ಹುಟ್ಟಿದ್ದು ಇಲ್ಲೇ. ಡುಕ್ಲಾ ಮೊದಲು ಸೈನ್ಯದ ಟೀಮ್. 2005ರಲ್ಲಿ ಸ್ಲೊವಾಕ್ ಕಪ್ ಗೆದ್ದಿತ್ತು. ಆಮೇಲೆ ಜಾರಿತು. 2022ರಲ್ಲಿ ಮೇಲೆ ಬಂದದ್ದೇನೋ ನಿಜ, ಆದರೆ 2025ರಲ್ಲಿ ಮತ್ತೆ ಇಳಿಯಿತು. ಡುಕ್ಲಾ ಅಭಿಮಾನಿಗಳ ಬಗ್ಗೆ ಇದಕ್ಕಿಂತ ಜಾಸ್ತಿ ಹೇಳಿ ಅವರ ಗಾಯಕ್ಕೆ ಉಪ್ಪು ಸುರಿಯುವುದಿಲ್ಲ.

ಇಷ್ಟು ಹೇಳಿದ ಮೇಲೂ ಕೆಲವರು ಕೇಳುತ್ತಾರೆ: "ಕಥೆ ಸರಿ, ಆದ್ರೆ ಈ ಟೀಮ್‌ಗಳ ಹೆಸರೇ ನಾವು ಕೇಳಿಲ್ವಲ್ಲ?" ಕೇಳಿರುತ್ತೀರಿ, ಮರೆತಿರುತ್ತೀರಿ ಅಷ್ಟೇ.

ಈಗ ಎರಡನೇ ಲೀಗಿನಲ್ಲಿ ಆಡುವ ಪೂಖೊವ್ ತಗೊಳ್ಳಿ. ಮಾಟಾಡೋರ್ ಟೈರ್ ಕಾರ್ಖಾನೆಯ ಊರು. ಕಂಪನಿಯ ಹೆಸರಲ್ಲೇ ಟೀಮ್ ಆಡುತ್ತಿತ್ತು. 2003ರಲ್ಲಿ ಸ್ಲೊವಾಕ್ ಕಪ್ ಗೆದ್ದು ಯೂರೋಪಿನ ಕ್ಲಬ್‌ಗಳ ಯುಇಎಫ್‌ಎ ಕಪ್‌ಗೆ ಹೋದಾಗ ಎದುರಿಗೆ ಬಂದದ್ದು ಬಾರ್ಸಿಲೋನಾ! ಮೊದಲ ಪಂದ್ಯ ಸ್ಲೊವಾಕಿಯಾದ ಟ್ರ್ನಾವಾದಲ್ಲಿ. ಫಲಿತಾಂಶ 1–1. ಟೈರ್ ಫ್ಯಾಕ್ಟರಿ ಟೀಮ್ ಬಾರ್ಸಾವನ್ನು ನಿಲ್ಲಿಸಿತ್ತು. ಎರಡನೇ ಪಂದ್ಯ ಬಾರ್ಸಿಲೋನಾದಲ್ಲಿ. 8–0. ರೊನಾಲ್ಡಿನೊ ಹ್ಯಾಟ್ರಿಕ್ ಹೊಡೆದ. ಇರಲಿ, ಮೊದಲ ಪಂದ್ಯದ 1–1 ಅನ್ನು ಯಾರೂ ಅಳಿಸೋಕಾಗಲ್ಲ.

ಕೊಶಿತ್ಸೆ ಇನ್ನೊಂದು. ದೇಶದ ಎರಡನೇ ದೊಡ್ಡ ನಗರ. 1997ರಲ್ಲಿ ಯೂರೋಪಿನ ದೊಡ್ಡ ಕ್ಲಬ್ ಟೂರ್ನಿ ಚಾಂಪಿಯನ್ಸ್ ಲೀಗ್‌ನ ಗ್ರೂಪ್ ಹಂತಕ್ಕೆ ಹೋದ ಮೊದಲ ಸ್ಲೊವಾಕ್ ಟೀಮ್ ಇದೇ ಊರಿನದು. ಮ್ಯಾಂಚೆಸ್ಟರ್ ಯುನೈಟೆಡ್, ಯುವೆಂಟಸ್, ಫೆಯೆನೂರ್ಡ್ ಎದುರು ಆರಕ್ಕೆ ಆರೂ ಸೋತಿತು. ಮುಂದೆ ಊರಿನ ಫುಟ್‌ಬಾಲೇ ಸಾಲದಲ್ಲಿ ಮುಳುಗಿ, 2017ರಲ್ಲಿ ಅಲ್ಲಿನ ಮುಖ್ಯ ಕ್ಲಬ್ ಬಾಗಿಲು ಹಾಕಿತು. ಮರುವರ್ಷ ಹೊಸ ಕ್ಲಬ್ ಕಟ್ಟಿದರು, ಹೊಸ ಸ್ಟೇಡಿಯಂ ಎದ್ದಿತು, 2022–23ರಲ್ಲಿ ಎರಡನೇ ಲೀಗ್ ಗೆದ್ದು ಮೇಲೆ ಹೋದರು. ಅದರ ಮುಂದಿನ ವರ್ಷ ಗೆದ್ದದ್ದು ಕೊಮಾರ್ನೊ, ಡ್ಯಾನ್ಯೂಬ್ ದಂಡೆಯ ಊರು. ನದಿ ದಾಟಿದರೆ ಹಂಗೇರಿ, ಊರಿನಲ್ಲೂ ಹೆಚ್ಚಿನವರ ಮನೆಮಾತು ಹಂಗೇರಿಯನ್. 1900ರಲ್ಲಿ ಹುಟ್ಟಿದ ಕ್ಲಬ್ ಮೇಲಿನ ಲೀಗನ್ನು ಮೊದಲ ಸಲ ನೋಡಿದ್ದು 2024ರಲ್ಲಿ. 2025ರಲ್ಲಿ ಟಾಟ್ರಾನ್ ಪ್ರೆಶೋವ್ ಸರದಿ.

ಇಷ್ಟು ಏರಿಳಿತ ಯಾಕೆ? ನನಗೆ ಕಾಣುವುದು ಇಷ್ಟು. ಚಿಕ್ಕ ದೇಶ. ಟಿವಿ ಹಣ ಇಂಗ್ಲೆಂಡ್‌ನ ಮುಂದೆ ಚಿಲ್ಲರೆ. ಟಿಕೆಟ್ ಮಾರಿ ಟೀಮ್ ನಡೆಸುವಷ್ಟು ಜನ ಹೆಚ್ಚಿನ ಊರುಗಳಲ್ಲಿಲ್ಲ. ಹಾಗಾಗಿ ಕ್ಲಬ್ ನಿಲ್ಲುವುದು ಒಂದು ಕಂಪನಿಯ ಮೇಲೆ, ಒಬ್ಬ ಮಾಲೀಕನ ಮೇಲೆ ಅಥವಾ ಪುರಸಭೆಯ ಮೇಲೆ. ಆ ಒಂದು ಕಂಬ ಅಲುಗಾಡಿದರೆ ಸಾಕು. ದೇಶದ ದೊಡ್ಡಣ್ಣ ಸ್ಲೊವಾನ್ ಬ್ರಾಟಿಸ್ಲಾವಾಗೂ ಇದು ತಪ್ಪಲಿಲ್ಲ. 1969ರಲ್ಲಿ ಬಾರ್ಸಿಲೋನಾವನ್ನು 3–2ರಿಂದ ಸೋಲಿಸಿ ಯೂರೋಪಿನ ಕಪ್ ವಿನ್ನರ್ಸ್ ಕಪ್ ಗೆದ್ದ ಕ್ಲಬ್ ಅದು. 2004ರಿಂದ 2006ರವರೆಗೆ ಎರಡು ವರ್ಷ ಇದೇ ಎರಡನೇ ಲೀಗಿನಲ್ಲಿ ಬೆವರು ಸುರಿಸಿತು. ಈಗ 2019ರಿಂದ 2025ರವರೆಗೆ ಸತತ 7 ಬಾರಿ ಚಾಂಪಿಯನ್ ಆಗಿದೆ. ನಿಜ ಹೇಳಬೇಕು ಅಂದ್ರೆ, ಅದಕ್ಕೇ ಮೇಲಿನ ಲೀಗ್ ನನಗೆ ಬೋರು.

ಇನ್ನೊಂದು ಅನುಕೂಲವೂ ಇದೆ. ಎರಡನೇ ಲೀಗಿನ ಕೆಲವು ಪಂದ್ಯಗಳು ಭಾನುವಾರ ಬೆಳಗ್ಗೆ ಹತ್ತೂವರೆಗೇ ಶುರು. ಅವರ ಬೇಸಿಗೆ ಸಮಯದಲ್ಲಿ ಅದು ನಮಗೆ ಮಧ್ಯಾಹ್ನ ಎರಡು ಗಂಟೆ. ಊಟ ಮುಗಿಸಿ ಫೋನ್ ಹಿಡಿದು ಕೂತರೆ ಸ್ಕೋರ್ ನೋಡುತ್ತಾ ನಿದ್ದೆ ಹತ್ತುತ್ತದೆ. ಚಾಂಪಿಯನ್ಸ್ ಲೀಗ್ ನೋಡುವವರ ಹಾಗೆ ರಾತ್ರಿ ಒಂದೂವರೆಗೆ ಅಲಾರಾಂ ಇಡುವ ಕಷ್ಟ ಇಲ್ಲ.

ಕೊನೆಗೆ ಎಲ್ಲರೂ ಕೇಳುವುದು: "ಹಾಗಾದ್ರೆ ನಿಮ್ಮ ಟೀಮ್ ಯಾವುದು?" ಪೆಟ್ರಜಾಲ್ಕಾ. ಬ್ರಾಟಿಸ್ಲಾವಾದಲ್ಲಿ ಡ್ಯಾನ್ಯೂಬ್‌ನ ಆಚೆ ದಡದಲ್ಲಿ ಸಾಲು ಸಾಲು ಅಪಾರ್ಟ್‌ಮೆಂಟ್ ನಿಂತಿರುವ ಬಡಾವಣೆ, ಸುಮಾರು ಒಂದು ಲಕ್ಷ ಜನ. 2005ರಲ್ಲಿ ಆರ್ಟ್‌ಮೀಡಿಯಾ ಅನ್ನುವ ಹೆಸರಲ್ಲಿ ಈ ಟೀಮ್ ಗ್ಲಾಸ್ಗೋದ ಸೆಲ್ಟಿಕ್‌ಗೆ 5–0 ಬಾರಿಸಿತು. ಹಲೆನಾರ್ ಹ್ಯಾಟ್ರಿಕ್. ಎರಡನೇ ಪಂದ್ಯ ಗ್ಲಾಸ್ಗೋದಲ್ಲಿ 4–0 ಸೋತರೂ ಒಟ್ಟು ಲೆಕ್ಕದಲ್ಲಿ ಒಂದು ಗೋಲಿನಿಂದ ಬಚಾವ್. ಅಲ್ಲಿಂದ ಚಾಂಪಿಯನ್ಸ್ ಲೀಗ್ ಗ್ರೂಪ್ ಹಂತ. ಪೋರ್ಚುಗಲ್‌ನ ಪೋರ್ಟೊ ಟೀಮಿನ ಅಂಗಳದಲ್ಲೇ 2–0 ಹಿಂದೆ ಬಿದ್ದು 3–2 ಗೆದ್ದರು. ಗ್ರೂಪ್‌ನಲ್ಲಿ ಪೋರ್ಟೊಗಿಂತ ಮೇಲೆ, ಮೂರನೆಯವರಾಗಿ ಮುಗಿಸಿದರು. 2008ರಲ್ಲಿ ಮತ್ತೊಮ್ಮೆ ದೇಶದ ಚಾಂಪಿಯನ್. ಎರಡೇ ವರ್ಷಕ್ಕೆ, 2010ರಲ್ಲಿ, ಎರಡನೇ ಲೀಗಿಗೆ ಇಳಿದರು. ಅಲ್ಲಿಂದ ಇನ್ನೂ ಕೆಳಕ್ಕೆ. ಹಳೇ ಸ್ಟೇಡಿಯಂ ಕೂಡ ಕೆಡವಿಹಾಕಿದರು. ಈಗ ಎರಡನೇ ಲೀಗಿಗೆ ವಾಪಸ್ ಬಂದು ಗಟ್ಟಿಯಾಗಿ ಆಡುತ್ತಿದ್ದಾರೆ. ಆದರೂ 2025ರ ಬೇಸಿಗೆ ತನಕ ಮೇಲಿನ ಲೀಗ್ ಮುಟ್ಟಿಲ್ಲ. ಪ್ರತಿ ಸೀಸನ್ ಶುರುವಿನಲ್ಲೂ "ಈ ಸಲ ಪಕ್ಕಾ" ಅಂತ ನಾನು ಹೇಳುತ್ತೇನೆ, ಮನೆಯವರು ನಗುತ್ತಾರೆ. ನಗಲಿ ಬಿಡಿ, ಆರ್‌ಸಿಬಿ ಅಭಿಮಾನಿಗೆ ಇದೇನು ಹೊಸದಾ?