ಡಿಕ್ವಿಂಡರ್ ರಸ್ತೆಯ ಈ ಕಡೆ, ಆ ಕಡೆ

6 ನವೆಂಬರ್ 2024, ಬುಧವಾರ
ಸ್ಟರ್ಲಿಂಗ್ ಹೈಟ್ಸ್, ಮಿಷಿಗನ್

ರಾತ್ರಿ ಸರಿಯಾಗಿ ನಿದ್ದೆ ಇಲ್ಲ. ಕಣ್ಣು ಉರೀತಿದೆ. ಆದರೂ ಇವತ್ತು ಬರೆಯದಿದ್ದರೆ ಮರೆತುಹೋಗುತ್ತದೆ ಅಂತ ಕೂತಿದ್ದೇನೆ.

ನಿನ್ನೆ ನಾನು ಈ ದೇಶದಲ್ಲಿ ಮೊದಲ ಸಲ ವೋಟು ಹಾಕಿದೆ. ಬೆಳಗ್ಗೆ 7ಕ್ಕೆ ಬಾಗಿಲು ತೆಗೆಯುತ್ತಾರೆ, ನಾನು 7.20ಕ್ಕೆ ಮನೆ ಹತ್ತಿರದ ಶಾಲೆಗೆ ಹೋದೆ. ಇಲ್ಲಿ ಮಷೀನಿನ ಗುಂಡಿ ಒತ್ತುವುದಿಲ್ಲ, ಕಾಗದದ ಮತಪತ್ರ. ಎರಡೂ ಕಡೆ ಅಚ್ಚಾಗಿದೆ. ಅಧ್ಯಕ್ಷರು, ಸೆನೆಟ್ ಅನ್ನುವ ಮೇಲ್ಮನೆ, ಕಾಂಗ್ರೆಸ್ ಅಂದರೆ ಇಲ್ಲಿಯ ಪಾರ್ಲಿಮೆಂಟಿನ ಕೆಳಮನೆ, ರಾಜ್ಯದ ವಿಧಾನಸಭೆ, ನ್ಯಾಯಾಧೀಶರು, ಯೂನಿವರ್ಸಿಟಿಗಳ ಆಡಳಿತ ಮಂಡಳಿಯವರನ್ನೂ ನಾವೇ ಆರಿಸಬೇಕು. ಪ್ರತಿ ಹೆಸರಿನ ಪಕ್ಕ ಒಂದು ಪುಟ್ಟ ಸುತ್ತು, ಪೆನ್ನಿನಿಂದ ಪೂರ್ತಿ ತುಂಬಬೇಕು. ಒಂದೇ ಪಕ್ಷಕ್ಕೆ ಎಲ್ಲವನ್ನೂ ಹಾಕುವವರಿಗೆ ಮೇಲ್ಗಡೆ ಒಂದೇ ಸುತ್ತು ತುಂಬಿ ಮುಗಿಸುವ ಅವಕಾಶವೂ ಇದೆ. ನಾನು ಹಾಗೆ ಮಾಡಲಿಲ್ಲ, ಒಂದೊಂದೇ ಹೆಸರು ಓದಿ ತುಂಬಿದೆ. ಕೈ ಸ್ವಲ್ಪ ನಡುಗುತ್ತಿತ್ತು, ನಿಜ ಹೇಳ್ತೀನಿ. ಬೆರಳಿಗೆ ಶಾಯಿ ಇಲ್ಲ, ಬದಲಿಗೆ ಸ್ಟಿಕ್ಕರ್ ಕೊಡುತ್ತಾರೆ. ಈ ವರ್ಷ ನಮ್ಮ ರಾಜ್ಯದ ಸ್ಟಿಕ್ಕರುಗಳಲ್ಲಿ ಒಂದರ ಮೇಲೆ ಅಂಗಿ ಹರಿದುಕೊಳ್ಳುತ್ತಿರುವ ತೋಳಮನುಷ್ಯ ಇದ್ದಾನೆ, ಬರೆದದ್ದು 12 ವರ್ಷದ ಒಂದು ಹುಡುಗಿ. ಮಗನಿಗೆ ಅದೇ ಬೇಕಿತ್ತು. ಸಿಗಲಿಲ್ಲ.

ರಾತ್ರಿ 8ಕ್ಕೆ ಮತದಾನ ಮುಗಿಯಿತು. ಆಗ ದಾವಣಗೆರೆಯಲ್ಲಿ ಬೆಳಗ್ಗೆ ಆರೂವರೆ. ಅಪ್ಪಾಜಿ ಚಹಾ ಲೋಟ ಹಿಡಿದು ವಾಟ್ಸಾಪಿನಲ್ಲಿ ಕೂತೇಬಿಟ್ಟಿದ್ದರು. ಅವರು ಮೇಷ್ಟ್ರಾಗಿದ್ದಾಗ ಎಷ್ಟು ಚುನಾವಣೆಗೆ ಡ್ಯೂಟಿ ಮಾಡಿದ್ದಾರೋ ಲೆಕ್ಕವಿಲ್ಲ, ಮಸ್ಟರಿಂಗ್ ದಿನ, ಅಂದರೆ ಸಾಮಾನು ಹಂಚುವ ದಿನ, ಪೆಟ್ಟಿಗೆ ಹೊತ್ತುಕೊಂಡು ಹೋದರೆ ಅದನ್ನು ವಾಪಸ್ ಒಪ್ಪಿಸುವ ಡಿಮಸ್ಟರಿಂಗ್ ಮುಗಿಸಿ ಮತದಾನದ ಮಾರನೇ ದಿನ ಬೆಳಗಿನ ಜಾವ ಮನೆಗೆ ಬರುತ್ತಿದ್ದುದು ನನಗೆ ಈಗಲೂ ಕಣ್ಣಿಗೆ ಕಟ್ಟಿದೆ. ಅವರ ಮೊದಲ ಪ್ರಶ್ನೆ ಅಧ್ಯಕ್ಷ ಸ್ಥಾನಕ್ಕೆ ನಿಂತಿದ್ದ ರಿಪಬ್ಲಿಕನ್ ಪಕ್ಷದ ಟ್ರಂಪ್ ಬಗ್ಗೆ ಅಲ್ಲ, ಡೆಮಾಕ್ರಾಟ್ ಪಕ್ಷದ ಹ್ಯಾರಿಸ್ ಬಗ್ಗೆಯೂ ಅಲ್ಲ.

"ಏನವ್ವಾ, ನಿನ್ನ ಕ್ಷೇತ್ರದಾಗ ಯಾರು? ಲೀಡ್ ಎಷ್ಟು?"

ನನಗೆ ಆ ಪ್ರಶ್ನೆ ಎಷ್ಟು ಖುಷಿ ಕೊಟ್ಟಿತು ಅಂದರೆ, ಇಡೀ ದಿನ ಯಾರೂ ಅದನ್ನು ಕೇಳಿರಲಿಲ್ಲ. ಆಫೀಸಿನಲ್ಲಿ, ಗೆಳತಿಯರ ಗುಂಪಿನಲ್ಲಿ, ಟಿವಿಯಲ್ಲಿ ಎಲ್ಲ ಕಡೆ ಅಧ್ಯಕ್ಷರ ಮಾತೇ. ನಮ್ಮ ಮನೆ ಇರುವ ಕ್ಷೇತ್ರದ ನಂಬರೇ ಎಷ್ಟೋ ಜನಕ್ಕೆ ಗೊತ್ತಿಲ್ಲ.

ನಮ್ಮದು 10ನೇ ಜಿಲ್ಲೆ. ಇಲ್ಲಿ ಪಾರ್ಲಿಮೆಂಟಿಗೆ ಕಾಂಗ್ರೆಸ್ ಅಂತ ಹೆಸರು, ಅದರ ಕೆಳಮನೆಯ ಕ್ಷೇತ್ರಕ್ಕೆ ಜಿಲ್ಲೆ ಅಂತಾರೆ, ಆದರೆ ನಮ್ಮ ಊರಿನ ಜಿಲ್ಲೆಗೂ ಇದಕ್ಕೂ ಸಂಬಂಧವಿಲ್ಲ. ಮಿಷಿಗನ್ನಿಗೆ ಇಂಥ 13 ಕ್ಷೇತ್ರಗಳು. ಒಂದೊಂದರಲ್ಲಿ ಸುಮಾರು 7 ಲಕ್ಷ 75 ಸಾವಿರ ಜನ. ನಮ್ಮ ಮನೆಯಿಂದ ಪಶ್ಚಿಮಕ್ಕೆ ಹೋದರೆ ಡಿಕ್ವಿಂಡರ್ ರಸ್ತೆ ಸಿಗುತ್ತದೆ. ರಸ್ತೆಯ ಈ ಕಡೆ ಸ್ಟರ್ಲಿಂಗ್ ಹೈಟ್ಸ್, 10ನೇ ಕ್ಷೇತ್ರ. ಆ ಕಡೆ ಟ್ರಾಯ್, 11ನೇ ಕ್ಷೇತ್ರ. ನಾನು ದೇವಸ್ಥಾನಕ್ಕೆ ಹೋಗುವುದು ಆ ಕಡೆ, ಕೊತ್ತಂಬರಿ ಸೊಪ್ಪು ತರುವುದೂ ಆ ಕಡೆ, ಮಲಗುವುದು ಮಾತ್ರ ಈ ಕಡೆ. ಆ ಕಡೆಯವರು ಹೇಲಿ ಸ್ಟೀವನ್ಸ್ ಅವರನ್ನು ಆರಾಮಾಗಿ ಗೆಲ್ಲಿಸುತ್ತಾರೆ, ಡೆಮಾಕ್ರಾಟ್. ಈ ಕಡೆ ನಾವು ರಾತ್ರಿಯಿಡೀ ಎದ್ದಿರಬೇಕು.

2022ರಲ್ಲಿ ನಮ್ಮ ಕ್ಷೇತ್ರದಲ್ಲಿ ರಿಪಬ್ಲಿಕನ್ ಪಕ್ಷದ ಜಾನ್ ಜೇಮ್ಸ್ ಗೆದ್ದದ್ದು ಬರೀ 1,600 ಮತಗಳಿಂದ. ಮೂರು ಲಕ್ಷಕ್ಕೂ ಜಾಸ್ತಿ ಮತಗಳಲ್ಲಿ 1,600! ಆಗ ನನಗೆ ವೋಟು ಇರಲಿಲ್ಲ, ಗ್ರೀನ್ ಕಾರ್ಡ್ ಅಷ್ಟೇ. ಆ ಅಂಕಿ ನೋಡಿಯೇ ನಾನು ಪೌರತ್ವದ ಅರ್ಜಿ ತುಂಬಲು ಕೂತದ್ದು. ಈ ಸಲವೂ ಅದೇ ಇಬ್ಬರು, ಜೇಮ್ಸ್ ಮತ್ತು ಡೆಮಾಕ್ರಾಟ್ ಕಾರ್ಲ್ ಮಾರ್ಲಿಂಗಾ. ಜೇಮ್ಸ್ ಮತ್ತೆ ಗೆದ್ದರು, ಅಂತರ ನೂರಕ್ಕೆ 6ರ ಹತ್ತಿರ. "ಹಂಗಾದ್ರೆ ಈ ಸಲ ಜನ ಸರಿಯಾಗಿ ಕೈ ಹಿಡಿದಾರ" ಅಂದರು ಅಪ್ಪಾಜಿ. ನಾನು ಯಾರಿಗೆ ಹಾಕಿದೆ ಅಂತ ಅವರು ಕೇಳಲಿಲ್ಲ. ಡ್ಯೂಟಿ ಮಾಡಿದವರು ಅದನ್ನು ಕೇಳುವುದಿಲ್ಲ.

ನಿಜವಾದ ಬದಲಾವಣೆ ಆದದ್ದು 7ನೇ ಕ್ಷೇತ್ರದಲ್ಲಿ, ಅಂದರೆ ರಾಜಧಾನಿ ಲ್ಯಾನ್ಸಿಂಗ್ ಕಡೆ. ಅಲ್ಲಿದ್ದ ಡೆಮಾಕ್ರಾಟ್ ಎಲಿಸಾ ಸ್ಲಾಟ್ಕಿನ್ ಸೆನೆಟ್ಟಿಗೆ ನಿಂತರು, ಸೀಟು ಖಾಲಿ ಆಯಿತು. 2022ರಲ್ಲಿ ಅವರ ಎದುರು ಸೋತಿದ್ದ ರಿಪಬ್ಲಿಕನ್ ಟಾಮ್ ಬ್ಯಾರೆಟ್ ಈ ಸಲ ಡೆಮಾಕ್ರಾಟ್ ಕರ್ಟಿಸ್ ಹರ್ಟೆಲ್ ಅವರನ್ನು ಸೋಲಿಸಿದರು. ಈ ಒಂದೇ ಸೀಟಿನಿಂದ ರಾಜ್ಯದ ಲೆಕ್ಕ ತಿರುಗಿತು. ಎರಡು ವರ್ಷದ ಹಿಂದೆ ಡೆಮಾಕ್ರಾಟರು 7, ರಿಪಬ್ಲಿಕನ್ನರು 6 ಇದ್ದರು. ಈಗ ರಿಪಬ್ಲಿಕನ್ನರು 7, ಡೆಮಾಕ್ರಾಟರು 6. ಸ್ಲಾಟ್ಕಿನ್ ಮಾತ್ರ ಸೆನೆಟ್ ಗೆದ್ದುಬಿಟ್ಟರು, ಕೂದಲೆಳೆಯಷ್ಟು ಅಂತರದಲ್ಲಿ, ಅದೂ ಅಧ್ಯಕ್ಷ ಸ್ಥಾನಕ್ಕೆ ರಾಜ್ಯ ಟ್ರಂಪ್ ಕಡೆ ಹೋದಾಗ.

8ನೇ ಕ್ಷೇತ್ರ ನನಗೆ ಇನ್ನೂ ಜಾಸ್ತಿ ಕುತೂಹಲ. ಫ್ಲಿಂಟ್, ಸ್ಯಾಗಿನಾ, ಬೇ ಸಿಟಿ. ಕುಡಿಯುವ ನೀರಲ್ಲಿ ಸೀಸ ಬೆರೆತು ಇಡೀ ಲೋಕಕ್ಕೆ ಹೆಸರಾದ ಆ ಫ್ಲಿಂಟ್. ಅಲ್ಲಿ 1977ರಿಂದ ಡೇಲ್ ಕಿಲ್ಡಿ, ಆಮೇಲೆ 2013ರಿಂದ ಅವರ ಅಣ್ಣನೋ ತಮ್ಮನೋ ಒಬ್ಬರ ಮಗ ಡ್ಯಾನ್ ಕಿಲ್ಡಿ, ಒಂದೇ ಮನೆತನ. ಡ್ಯಾನ್ ಈ ಸಲ ನಿಲ್ಲಲಿಲ್ಲ. ಎಲ್ಲರೂ ಈ ಸೀಟೂ ಡೆಮಾಕ್ರಾಟರ ಕೈ ತಪ್ಪುತ್ತದೆ ಅಂತಿದ್ದರು. ಆದರೆ ಕ್ರಿಸ್ಟನ್ ಮೆಕ್‌ಡೊನಾಲ್ಡ್ ರಿವೆಟ್ ಉಳಿಸಿಕೊಂಡರು. ಅದೇ ಕ್ಷೇತ್ರದ ಜನ ಅಧ್ಯಕ್ಷ ಸ್ಥಾನಕ್ಕೆ ಟ್ರಂಪ್‌ಗೆ ಜಾಸ್ತಿ ಮತ ಹಾಕಿ, ಕಾಂಗ್ರೆಸ್ಸಿಗೆ ಡೆಮಾಕ್ರಾಟ್ ಮಹಿಳೆಯನ್ನು ಕಳಿಸಿದ್ದಾರೆ. ಡಿಯರ್‌ಬಾರ್ನ್‌ನಲ್ಲೂ ಹಾಗೇ. ಅರಬ್ ಮೂಲದವರು ಹೆಚ್ಚಿರುವ ಊರು. ಗಾಜಾದ ನೋವಿನಲ್ಲಿ ಹ್ಯಾರಿಸ್ ಅವರಿಂದ ದೂರ ಸರಿದರು, ತಮ್ಮ ಕ್ಷೇತ್ರದ ಡೆಮಾಕ್ರಾಟ್ ಪ್ರತಿನಿಧಿ, ಪ್ಯಾಲೆಸ್ತೀನ್ ಮೂಲದ ರಶೀದಾ ತ್ಲಾಯಿಬ್ ಅವರನ್ನು ಮಾತ್ರ ಬಿಡಲಿಲ್ಲ. ನಮ್ಮೂರಲ್ಲೂ ವಿಧಾನಸಭೆಗೆ ಒಂದು, ಲೋಕಸಭೆಗೆ ಒಂದು ಅಂತ ಹಾಕುತ್ತಾರಲ್ಲ, ಇಲ್ಲಿಯವರು ಅದನ್ನು ಒಂದೇ ಕಾಗದದ ಮೇಲೆ ಮಾಡಿದರು. ಜನ ಹೆಸರು ನೋಡಿಯೇ ಹಾಕುತ್ತಾರೆ ಅಂತ ನನಗೆ ಧೈರ್ಯ ಬಂದದ್ದು ಈ ಎರಡು ಊರುಗಳಿಂದ.

ಉಳಿದವು ಹೇಳುವಂಥದ್ದೇನಿಲ್ಲ. ಉತ್ತರದ ಕಾಡಿನ ಕಡೆ ಬರ್ಗ್‌ಮನ್, ಆನ್ ಆರ್ಬರ್ ಕಡೆ ಡೆಬ್ಬಿ ಡಿಂಗೆಲ್, ಗ್ರ್ಯಾಂಡ್ ರ‍್ಯಾಪಿಡ್ಸ್‌ನಲ್ಲಿ ಹಿಲರಿ ಶೋಲ್ಟನ್. ಇದ್ದವರೇ ಇದ್ದಾರೆ.

13ನೇದನ್ನು ಮಾತ್ರ ಬಿಡಲಾಗದು. ಅದು ಡೆಟ್ರಾಯಿಟ್. ಅಲ್ಲಿ ಶ್ರೀ ಥಾನೇದಾರ್ ಮತ್ತೆ ಗೆದ್ದರು. "ನಮ್ಮ ಬೆಳಗಾವಿಯವರು!" ಅಂತ ಅಪ್ಪಾಜಿ ಎದ್ದು ಕೂತರು. ಹೌದು, ಬೆಳಗಾವಿಯಲ್ಲಿ ಬೆಳೆದವರು, ಮನೆಮಾತು ಮರಾಠಿ, 1979ರಲ್ಲಿ ರಸಾಯನಶಾಸ್ತ್ರ ಓದಲು ಇಲ್ಲಿಗೆ ಬಂದವರು. ನನಗೂ ಹೆಮ್ಮೆ ಇದೆ. ಆದರೆ ಇದರ ಇನ್ನೊಂದು ಮುಖವನ್ನೂ ಅಪ್ಪಾಜಿಗೆ ಹೇಳಿದೆ. ಡೆಟ್ರಾಯಿಟ್‌ನಲ್ಲಿ ನೂರಕ್ಕೆ 75ಕ್ಕೂ ಜಾಸ್ತಿ ಕಪ್ಪು ಜನ. 1955ರಲ್ಲಿ ಚಾರ್ಲ್ಸ್ ಡಿಗ್ಸ್ ಕಾಂಗ್ರೆಸ್ಸಿಗೆ ಹೋದಂದಿನಿಂದ ಆ ಊರಿಗೆ ಒಬ್ಬ ಕಪ್ಪು ಪ್ರತಿನಿಧಿ ಇದ್ದೇ ಇದ್ದರು. 2022ರ ಚುನಾವಣೆಯ ನಂತರ ಇಲ್ಲ. ಆ ವರ್ಷ ಅಭ್ಯರ್ಥಿ ಆರಿಸುವ ಡೆಮಾಕ್ರಾಟ್ ಪಕ್ಷದ ಒಳಗಿನ ಚುನಾವಣೆಯಲ್ಲಿ ಹಲವರು ನಿಂತು ಮತ ಚೂರುಚೂರಾಯಿತು, ನೂರಕ್ಕೆ 28ರಷ್ಟು ತೆಗೆದುಕೊಂಡು ಥಾನೇದಾರ್ ಮುಂದೆ ಬಂದರು. ಈ ಊರಿನ ಹಳೆಯ ಕಪ್ಪು ಕುಟುಂಬಗಳಿಗೆ ಅದು ಎಷ್ಟು ನೋವು ಅಂತ ನನ್ನ ಜೊತೆ ಕೆಲಸ ಮಾಡುವ ಒಬ್ಬರು ಹೇಳುವಾಗ ಅವರ ದನಿ ಇಳಿದುಹೋಗಿತ್ತು. ನಮ್ಮವರು ಗೆದ್ದರು ಅಂತ ಕುಣಿಯುವಾಗ ಅದು ನೆನಪಿರಬೇಕು ಅಲ್ವಾ?

ಅಪ್ಪಾಜಿ ಸ್ವಲ್ಪ ಹೊತ್ತು ಸುಮ್ಮನಿದ್ದರು. ಆಮೇಲೆ, "ಈ ಗೆರೆ ಎಳೆಯೋರು ಯಾರವ್ವಾ ಅಲ್ಲಿ?" ಅಂದರು.

9 ನವೆಂಬರ್ 2024, ಶನಿವಾರ

ಅಪ್ಪಾಜಿಯ ಆ ಪ್ರಶ್ನೆ ಮೂರು ದಿನದಿಂದ ತಲೆಯಲ್ಲಿದೆ. ಉತ್ತರ ಹೇಳಿದೆ, ಆದರೆ ಅವಸರದಲ್ಲಿ. ಇಲ್ಲಿ ಸರಿಯಾಗಿ ಬರೆಯುತ್ತೇನೆ.

ಮೊದಲು ಇಲ್ಲಿ ಗೆರೆ ಎಳೆಯುತ್ತಿದ್ದವರು ಶಾಸಕರೇ. ಅಧಿಕಾರದಲ್ಲಿದ್ದ ಪಕ್ಷ ತನಗೆ ಬೇಕಾದ ಹಾಗೆ ಎಳೆದುಕೊಳ್ಳುತ್ತಿತ್ತು. 2012ರಲ್ಲಿ ಇಡೀ ರಾಜ್ಯದಲ್ಲಿ ಕಾಂಗ್ರೆಸ್ಸಿಗೆ ಬಿದ್ದ ಮತಗಳಲ್ಲಿ ಡೆಮಾಕ್ರಾಟರಿಗೆ ಜಾಸ್ತಿ ಸಿಕ್ಕಿತ್ತು, ಸೀಟು ಸಿಕ್ಕದ್ದು ಮಾತ್ರ 14ರಲ್ಲಿ 5. ಮತ ಎಷ್ಟು ಹಾಕಿದರೂ ಫಲಿತಾಂಶ ಮೊದಲೇ ನಕ್ಷೆಯಲ್ಲಿ ಬರೆದಾಗಿತ್ತು ಅಂದ ಹಾಗೆ. 2016ರಲ್ಲಿ ಕೇಟಿ ಫೇಹಿ ಅನ್ನುವ ಯುವತಿ ಇದನ್ನು ಸರಿ ಮಾಡೋಣ, ಯಾರಾದರೂ ಜೊತೆಗೆ ಬರ್ತೀರಾ ಅಂತ ಫೇಸ್‌ಬುಕ್ಕಿನಲ್ಲಿ ಬರೆದರು. ಜನ ಬಂದರು. ರಸ್ತೆ ಬದಿಯಲ್ಲಿ, ಸಂತೆಯಲ್ಲಿ ನಿಂತು 4 ಲಕ್ಷಕ್ಕೂ ಜಾಸ್ತಿ ಸಹಿ ಸೇರಿಸಿದರು. 2018ರಲ್ಲಿ ಅದು ಮತಕ್ಕೆ ಬಂತು, ನೂರಕ್ಕೆ 61 ಜನ ಹೌದು ಅಂದರು. ಈಗ ಗೆರೆ ಎಳೆಯುವುದು 13 ಸಾಮಾನ್ಯ ಜನರ ಆಯೋಗ. ಎರಡೂ ಪಕ್ಷದ ಕಡೆಯಿಂದ ನಾಲ್ಕು ನಾಲ್ಕು ಮಂದಿ, ಯಾವ ಪಕ್ಷಕ್ಕೂ ಸೇರದವರು ಐದು. ಅರ್ಜಿ ಹಾಕಿದ್ದ ಸಾವಿರಾರು ಜನರಿಂದ ಚೀಟಿ ಎತ್ತಿದ ಹಾಗೆ ಆರಿಸಿದ್ದು. 7ನೇ ಕ್ಷೇತ್ರ ಒಮ್ಮೆ ಆ ಕಡೆ, ಒಮ್ಮೆ ಈ ಕಡೆ ತಿರುಗಲು ಸಾಧ್ಯವಾದದ್ದು, ನಮ್ಮಲ್ಲಿ 1,600ರ ಅಂತರ ಬಂದದ್ದು, ಇದರಿಂದಲೇ ಅಂತ ನಾನು ನಂಬುತ್ತೇನೆ. ಡೆಟ್ರಾಯಿಟ್ ಜನಕ್ಕೆ ಇದೇ ಆಯೋಗದ ಮೇಲೆ ಸಿಟ್ಟಿದೆ. ಅವರು ರಾಜ್ಯದ ಶಾಸಕಾಂಗದ ಕ್ಷೇತ್ರಗಳ ನಕ್ಷೆಯ ಮೇಲೆ ಕೋರ್ಟಿಗೆ ಹೋಗಿ ಕಳೆದ ವರ್ಷ ಗೆದ್ದೂ ಬಿಟ್ಟರು. ಹೋಗಿದ್ದು ಸರಿಯೇ. ಶಾಸಕರು ಮುಚ್ಚಿದ ಬಾಗಿಲ ಹಿಂದೆ ಎಳೆದ ಗೆರೆಗಿಂತ, ಎಲ್ಲರ ಎದುರು ಎಳೆದು ಎಲ್ಲರ ಎದುರೇ ತಿದ್ದಿಸಿಕೊಂಡ ಗೆರೆ ನನಗೆ ಇಷ್ಟ.

ಆದರೆ ಅಪ್ಪಾಜಿಗೆ ಹೆಚ್ಚು ನಾಟಿದ್ದು ಬೇರೆ ವಿಷಯ. 1970ರ ದಶಕದಲ್ಲಿ ಮಿಷಿಗನ್ನಿಗೆ 19 ಸೀಟು ಇತ್ತು. ಆಮೇಲೆ 18, 16, 15, 14, ಈಗ 13. ಹತ್ತು ವರ್ಷಕ್ಕೊಮ್ಮೆ ಜನಗಣತಿ, ಪ್ರತಿ ಸಲ ಒಂದೆರಡು ಸೀಟು ಕಡಿಮೆ. ಇಲ್ಲಿಯ ಜನಸಂಖ್ಯೆ ಇಳಿದುಹೋಗಿಲ್ಲ, ಆಗ 89 ಲಕ್ಷದ ಹತ್ತಿರ ಇದ್ದದ್ದು ಈಗ ಒಂದು ಕೋಟಿ ದಾಟಿದೆ. ಕಾರು ಕಾರ್ಖಾನೆಗಳ ಕೆಲಸ ಹೋಯಿತು, ಜನ ಟೆಕ್ಸಾಸ್, ಫ್ಲೋರಿಡಾ ಕಡೆ ಹೋದರು, ಅಲ್ಲಿ ಬೇಗ ಬೆಳೆಯಿತು, ಇಲ್ಲಿ ನಿಧಾನ. ಇಡೀ ದೇಶದ ಕೆಳಮನೆಯ ಒಟ್ಟು ಸೀಟು 435ಕ್ಕೆ ನಿಂತಿದೆ, ಹಾಗಾಗಿ ಒಬ್ಬರಿಗೆ ಕೊಡಬೇಕಾದರೆ ಇನ್ನೊಬ್ಬರಿಂದ ಕೀಳಬೇಕು. 2022ರಲ್ಲಿ 14ನೇ ಸೀಟು ಹೋದಾಗ ಆ ಕಡೆಯ ಟ್ರಾಯ್ ಕ್ಷೇತ್ರಕ್ಕೆ ಒಂದೇ ಪಕ್ಷದ ಇಬ್ಬರು ಹಾಲಿ ಸದಸ್ಯರು ಬಡಿದಾಡಬೇಕಾಯಿತು. ಹೇಲಿ ಸ್ಟೀವನ್ಸ್ ಉಳಿದರು, ಆ್ಯಂಡಿ ಲೆವಿನ್ ಮನೆಗೆ ಹೋದರು.

"ನಮಗೂ ಹಿಂಗೇ ಆಗತೈತಲ್ಲವ್ವಾ," ಅಂದರು ಅಪ್ಪಾಜಿ. ಅವರ ದನಿಯಲ್ಲಿ ನಿಜವಾದ ಆತಂಕ ಇತ್ತು. ನಮ್ಮ ಲೋಕಸಭೆಯಲ್ಲಿ ಯಾವ ರಾಜ್ಯಕ್ಕೆ ಎಷ್ಟು ಸೀಟು ಅನ್ನುವುದು ಇನ್ನೂ 1971ರ ಜನಗಣತಿಯ ಮೇಲೆ ನಿಂತಿದೆ. ಕರ್ನಾಟಕಕ್ಕೆ 28. 2026ರ ನಂತರದ ಮೊದಲ ಜನಗಣತಿವರೆಗೆ ಅದನ್ನು ಮುಟ್ಟುವ ಹಾಗಿಲ್ಲ. ಆಮೇಲೆ? ಕುಟುಂಬ ಯೋಜನೆ ಅಂದಾಗ ಕೇಳಿದ ರಾಜ್ಯಗಳ ಪಾಲು ಕಡಿಮೆಯಾದರೆ ಅದು ಯಾವ ನ್ಯಾಯ? ಅಪ್ಪಾಜಿ ಹಳ್ಳಿ ಹಳ್ಳಿ ತಿರುಗಿ "ನಾವಿಬ್ಬರು ನಮಗಿಬ್ಬರು" ಅಂತ ಗೋಡೆ ಬರಹ ಬರೆಸಿದವರು. ಅವರ ಕೋಪ ನನಗೆ ಅರ್ಥವಾಗುತ್ತದೆ. ನಾನು ಈಗ ಇರುವ ರಾಜ್ಯ ಐವತ್ತು ವರ್ಷದಿಂದ ಆ ದಾರಿಯಲ್ಲೇ ನಡೆಯುತ್ತಿದೆ, ಸೀಟು ಹೋದಾಗ ದಿಲ್ಲಿಯಲ್ಲಿ ದನಿ ಹೇಗೆ ಸಣ್ಣಗಾಗಬಹುದು ಅಂತ ಇಲ್ಲಿ ಕೂತು ನೋಡಬಹುದು.

ಕೌಂಟಿಯವರು (ಕೌಂಟಿ ಅಂದರೆ ನಮ್ಮ ಊರಿನ ಜಿಲ್ಲೆಯ ಹಾಗೆ) ಮತಗಳ ತಾಳೆ ಇನ್ನೂ ಮುಗಿಸಿಲ್ಲ, 14 ದಿನ ಸಮಯ ಇದೆ. ಕೆಳಮನೆ ಯಾರ ಕೈಗೆ ಅನ್ನುವುದೂ ತೀರ್ಮಾನವಾಗಿಲ್ಲ, ಕ್ಯಾಲಿಫೋರ್ನಿಯಾ ಎಣಿಕೆ ನಡೀತಾ ಇದೆ, ಬಹುಮತಕ್ಕೆ 218 ಬೇಕು. ಅಪ್ಪಾಜಿ 13 ಕ್ಷೇತ್ರಗಳ ನಕ್ಷೆ ಕಳಿಸು ಅಂದಿದ್ದಾರೆ, ಫೋನಿನಲ್ಲಿ ಕಾಣುವುದಿಲ್ಲವಂತೆ, ದೊಡ್ಡದಾಗಿ ಅಚ್ಚು ಹಾಕಿಸಿ ಬೇಕಂತೆ. ಡಿಸೆಂಬರಿನಲ್ಲಿ ನಮ್ಮ ಮನೆಯವರು ಊರಿಗೆ ಹೋಗುತ್ತಿದ್ದಾರೆ, ಅವರ ಕೈಯಲ್ಲಿ ಕೊಟ್ಟು ಕಳಿಸುತ್ತೇನೆ. ಡಿಕ್ವಿಂಡರ್ ರಸ್ತೆಗೆ ಕೆಂಪು ಪೆನ್ನಿನಲ್ಲಿ ಗುರುತು ಹಾಕಿದ್ದೇನೆ, ನಮ್ಮ ಮನೆಗೆ ಒಂದು ಚುಕ್ಕಿ.