ಆಲ್ದೋ ನೋಡಿದ ಬೆಳಕು ಹುಡುಕ್ಕೊಂಡು

ತಂಗಿ ಇಟಲಿಯ ಸಿಸಿಲಿ ದ್ವೀಪದ ಕತಾನಿಯಾದಲ್ಲಿ ಓದ್ತಿದಾಳೆ. ಹೋದ್ವರ್ಷ ಅವಳನ್ನ ನೋಡಕ್ಕೆ ಹೋದಾಗ ನಂದು ಒಂದೇ ಹಟ, ಎಟ್ನಾ ಜ್ವಾಲಾಮುಖಿ ಆಮೇಲೆ ನೋಡಣ, ಮೊದ್ಲು ಆಚಿ ತ್ರೆಜ್ಜಾಗೆ ಹೋಗ್ಬೇಕು, ಅದೂ ಬೆಳಕು ಹರಿಯೋ ಮುಂಚೆ. "ಅಣ್ಣಾ, ಇಲ್ಲೇ ಹತ್ರ ಇದೆ, ತಿಂಡಿ ತಿಂದು ನಿಧಾನಕ್ಕೆ ಹೋದ್ರಾಗಲ್ವಾ?" ಅಂದ್ಲು. ಆಗಲ್ಲ ಕಣೇ ಅಂದೆ. ಪಾಪ, ಕತ್ತಲಲ್ಲೇ ಎದ್ದು ಟ್ಯಾಕ್ಸಿ ಮಾಡಿದ್ಲು.

1948ರಲ್ಲಿ ಬಂದ 'ಲಾ ತೆರ್ರಾ ತ್ರೇಮಾ' ಶೂಟ್ ಆಗಿದ್ದು ಆ ಮೀನುಗಾರರ ಊರಲ್ಲಿ. ನಿರ್ದೇಶಕರು ಲುಕೀನೋ ವಿಸ್ಕೋಂತಿ, ಕ್ಯಾಮೆರಾ ಜಿ. ಆರ್. ಆಲ್ದೋ. ನಟಿಸಿದವರೆಲ್ಲ ಆ ಊರಿನ ಜನಾನೇ, ಮಾತು ಅವರ ಮನೆಮಾತು ಸಿಸಿಲಿಯನ್, ಎಷ್ಟರ ಮಟ್ಟಿಗೆ ಅಂದ್ರೆ ಬೇರೆ ಕಡೆಯ ಇಟಲಿಯವರಿಗೇ ಅರ್ಥ ಆಗಲ್ಲ ಅಂತ ಇಟಾಲಿಯನ್ನಲ್ಲಿ ಹಿನ್ನೆಲೆ ವಿವರಣೆ ಹಾಕಿದ್ರು. ನಾನು ಹದಿನೆಂಟು ವರ್ಷದಿಂದ ಮದುವೆ ಫೋಟೋ ತೆಗೀತಿರೋನು. ಆಲ್ದೋ ನಂಗೆ ಹತ್ರ ಆಗಿದ್ದು ಅವರೂ ಸ್ಟಿಲ್ ಫೋಟೋಗ್ರಾಫರ್ ಆಗಿದ್ರು ಅನ್ನೋ ಕಾರಣಕ್ಕೇ. 1905ರಲ್ಲಿ ವೆನಿಸ್ ಹತ್ರದ ಸ್ಕೋರ್ಜೆಯಲ್ಲಿ ಹುಟ್ಟಿ, ಚಿಕ್ಕ ವಯಸ್ಸಲ್ಲೇ ಫ್ರಾನ್ಸ್ ಸೇರಿ, ವರ್ಷಾನುಗಟ್ಟಲೆ ಬೇರೆಯವರ ಸಿನಿಮಾಗಳಿಗೆ ಸ್ಟಿಲ್ಸ್ ತೆಗೆದವರು. ಜಾನ್ ಕಾಕ್ಟೋ ಅವರ 'ಬ್ಯೂಟಿ ಅಂಡ್ ದಿ ಬೀಸ್ಟ್' ಸ್ಟಿಲ್ಸ್ ಅವರದ್ದೇ. ವಿಸ್ಕೋಂತಿ 'ಲಾ ತೆರ್ರಾ ತ್ರೇಮಾ'ದ ಕ್ಯಾಮೆರಾ ಅವರ ಕೈಗೆ ಕೊಟ್ಟಾಗ ಆಗ್ಲೇ ನಲವತ್ತು ದಾಟಿತ್ತು.

ದಂಡೆ ಮೇಲೆ ನಿಂತ್ವಿ. ಎದುರಿಗೆ ಸಮುದ್ರದೊಳಗಿಂದ ಎದ್ದು ನಿಂತಿರೋ ಲಾವಾದ ಕಪ್ಪು ಬಂಡೆಗಳು, ಅವುಗಳ ಹಿಂದಿನಿಂದಾನೇ ಸೂರ್ಯ ಬರೋದು. ಕ್ಯಾಮೆರಾ ತೆಗೆದು ಆಕಾಶದ ಬೆಳಕಿಗೆ ಹೊಂದೋ ಹಾಗೆ ಎಕ್ಸ್‌ಪೋಸ್ ಮಾಡ್ದೆ, ಬಂಡೆ ಮಸಿ ಬಳಿದ ಹಾಗಾಯ್ತು. ಬಂಡೆಗೆ ಮಾಡ್ದೆ, ಆಕಾಶ ಸುಣ್ಣ ಬಳಿದ ಗೋಡೆ. ನನ್ನ ಕೈಲಿದ್ದಿದ್ದು ಈಗಿನ ಕಾಲದ ಡಿಜಿಟಲ್ ಕ್ಯಾಮೆರಾ, ಅವರ ಕೈಲಿದ್ದಿದ್ದು ಆಗಿನ ಕಪ್ಪು-ಬಿಳುಪು ಫಿಲಂ, ತೆಗೆದಿದ್ದು ಹೇಗೆ ಬಂದಿದೆ ಅಂತ ಅಲ್ಲೇ ನಿಂತು ನೋಡೋ ಹಾಗೂ ಇರ್ಲಿಲ್ಲ. ಆದ್ರೂ ಆ ಸಿನಿಮಾದಲ್ಲಿ ಬಿರುಗಾಳಿಗೆ ಸಿಕ್ಕ ಗಂಡಸರಿಗಾಗಿ ಆ ಹೆಂಗಸರು ಕಪ್ಪು ಶಾಲು ಹೊದ್ದು ಬಂಡೆ ಮೇಲೆ ಕಾಯೋ ದೃಶ್ಯದಲ್ಲಿ ಕಲ್ಲಿನ ಕಪ್ಪು ಬೇರೆ, ಶಾಲಿನ ಕಪ್ಪು ಬೇರೆ, ಸಮುದ್ರದ ಬೂದು ಬೇರೆ, ಒಂದರೊಳಗೊಂದು ಕಲಸಿ ಹೋಗಿಲ್ಲ. ಒಂದು ಫ್ರೇಮಿಗಾಗಿ ಕಾದು ಕಾದು ಪಳಗಿದ ಕಣ್ಣು ಅದು ಅಂತ ನಾನು ನಂಬ್ತೀನಿ.

ಆಮೇಲೆ ಅವರಿಗೆ ಸಿಕ್ಕಿದ್ದು ಐದಾರು ವರ್ಷ ಅಷ್ಟೇ. ನಿರ್ದೇಶಕ ವಿತ್ತೋರಿಯೋ ದೆ ಸೀಕಾ ಜೊತೆ 'ಮಿರಾಕಲ್ ಇನ್ ಮಿಲಾನ್', 1952ರಲ್ಲಿ 'ಉಂಬೆರ್ತೊ ಡಿ', ಆರ್ಸನ್ ವೆಲ್ಸ್ ಅವರ 'ಒಥೆಲೋ'ಗೂ ಕೆಲಸ ಮಾಡಿದ್ರು. 'ಉಂಬೆರ್ತೊ ಡಿ'ಲಿ ಮನೆಕೆಲಸದ ಹುಡುಗಿ ಬೆಳಗ್ಗೆ ಎದ್ದು ಅಡುಗೆಮನೆಗೆ ಬರೋದಿದೆಯಲ್ಲ, ಗೋಡೆಗೆ ಬೆಂಕಿಕಡ್ಡಿ ಗೀರ್ತಾಳೆ, ಇರುವೆ ಸಾಲಿಗೆ ನೀರು ಬಿಡ್ತಾಳೆ, ಕಾಫಿಬೀಜ ಬೀಸ್ತಾ ಕೂತಲ್ಲಿಂದಾನೇ ಕಾಲು ಚಾಚಿ ಹೆಬ್ಬೆರಳ ತುದಿಲಿ ಬಾಗಿಲು ಮುಚ್ಚಕ್ಕೆ ನೋಡ್ತಾಳೆ. ಅಲ್ಲಿರೋ ಬೆಳಕು ನಿದ್ದೆ ಬಿಡದ ಮನೆಯ ಬೆಳಕು. ನಮ್ಮಮ್ಮ ಒಲೆ ಮುಂದೆ ಕೂತಿರ್ತಿದ್ದ ಬೆಳಗಿನ ಜಾವ ನಂಗೆ ಪ್ರತಿ ಸಲ ನೆನಪಾಗತ್ತೆ.

1953ರ ನವೆಂಬರಲ್ಲಿ ವಿಸ್ಕೋಂತಿ ಅವರ 'ಸೆನ್ಸೋ' ಶೂಟಿಂಗ್ ನಡೀತಿದ್ದಾಗ್ಲೇ ಆಲ್ದೋ ರಸ್ತೆ ಅಪಘಾತದಲ್ಲಿ ತೀರ್ಕೊಂಡ್ರು, ನಲವತ್ತೆಂಟು ವರ್ಷ. ಉಳಿದಿದ್ದನ್ನ ರಾಬರ್ಟ್ ಕ್ರಾಸ್ಕರ್, ಜುಸೆಪ್ಪೆ ರೊತುನ್ನೋ ಮುಗಿಸಿದ್ರು. ಇದನ್ನ ತಂಗಿಗೆ ಹೇಳ್ತಾ ಹೇಳ್ತಾ ಗಂಟಲು ಕಟ್ಟಿ ಬಂತು, ಅವಳೂ ಸುಮ್ನಾದ್ಲು.

ಸೂರ್ಯ ಬಂಡೆ ದಾಟಿ ಮೇಲೆ ಬಂದ. ನನ್ನ ಕ್ಯಾಮೆರಾ ಇಸ್ಕೊಂಡು "ಸಿಕ್ತಾ ಅಣ್ಣ ನಿಂಗೆ ಬೇಕಾಗಿದ್ದು?" ಅಂದ್ಲು. ಇಲ್ಲ ಅಂದೆ. ಫೋನಲ್ಲಿ ಆ ಹೆಂಗಸರು ಕಾಯೋ ದೃಶ್ಯ ಹಾಕಿ ಅವಳ ಕೈಗೆ ಕೊಟ್ಟೆ. ಒಂದ್ಸಲ ಫೋನ್ ನೋಡಿದ್ಲು, ಒಂದ್ಸಲ ಎದುರಿಗಿರೋ ಬಂಡೆ ನೋಡಿದ್ಲು, ಆಮೇಲೆ ಬಿಸಿಲಿಗೆ ಕೈ ಅಡ್ಡ ಹಿಡ್ಕೊಂಡು "ಮತ್ತೆ ಮೊದಲಿಂದ ಹಾಕು" ಅಂದ್ಲು.